ಚಾಗೋಸ್: ನ್ಯಾಯವಾದಿಯ ಗ್ರಂಥ, ನಿರ್ವಾಸಿತರ ಪ್ರಶ್ನೆ

ಫಿಲಿಪ್ ಸ್ಯಾಂಡ್ಸ್ ಅವರು 2022ರಲ್ಲಿ ಪ್ರಕಟಿಸಿದ ‘ದಿ ಲಾಸ್ಟ್ ಕಾಲೊನಿ’ ಎಂಬ ಇಂಗ್ಲಿಷ್ ಗ್ರಂಥವು ಗಾತ್ರದಲ್ಲಿ ಚಿಕ್ಕದು. ಅದು ಎತ್ತಿಕೊಂಡ ವಿಷಯವಾದರೋ ಅರ್ಧ ಶತಮಾನಕ್ಕೂ ಮಿಕ್ಕಿದ ಅನ್ಯಾಯದ್ದು. ಮಾಲ್ಡೀವ್ಸಿನ ದಕ್ಷಿಣಕ್ಕೆ, ಹಿಂದೂ ಮಹಾಸಾಗರದ ನಡುವೆ ಇರುವ ಚಾಗೋಸ್ ದ್ವೀಪಗಳಿಂದ ಅಲ್ಲಿನ ಜನರನ್ನು 1968ರಿಂದ 1973ರ ಅವಧಿಯಲ್ಲಿ ಸಂಪೂರ್ಣವಾಗಿ ಹೊರಹಾಕಿದ ವೃತ್ತಾಂತವೇ ಅದರ ವಸ್ತು. ಲೇಖಕರು ಹೇಗ್ ನಗರದ ಅಂತರರಾಷ್ಟ್ರೀಯ ನ್ಯಾಯಾಲಯದಲ್ಲಿ ಮಾರಿಷಸ್ ದೇಶದ ಪರವಾಗಿ ವಾದಿಸಿದವರು. ಗ್ರಂಥದ ಬಲವೂ ಮಿತಿಯೂ ಈ ಒಂದು ಸಂಗತಿಯಲ್ಲಿಯೇ ಅಡಗಿವೆ.

ಈ ದ್ವೀಪಗಳಲ್ಲಿ ನೆಲೆಸಿದ್ದವರು ಹೆಚ್ಚಾಗಿ ಹದಿನೆಂಟನೆಯ ಶತಮಾನದ ಕೊನೆಯಿಂದ ಫ್ರೆಂಚರು ತೆಂಗಿನ ತೋಟಗಳ ದುಡಿಮೆಗೆಂದು ಕರೆತಂದ ಆಫ್ರಿಕದ ಗುಲಾಮರ ಸಂತತಿ. ತರುವಾಯ ಭಾರತದಿಂದ ಹೋದ ಕೂಲಿಗಳೂ ಅವರಲ್ಲಿ ಬೆರೆತರು. ಕೊಬ್ಬರಿಯೇ ಅವರ ಜೀವನಾಧಾರ, ಕ್ರಿಯೋಲ್ ಅವರ ಮಾತು. ಮಾರಿಷಸ್ 1968ರಲ್ಲಿ ಸ್ವತಂತ್ರವಾಗುವುದಕ್ಕೆ ಮುನ್ನ, 1965ರ ನವೆಂಬರಿನಲ್ಲಿ, ಬ್ರಿಟನ್ ಈ ದ್ವೀಪಗಳನ್ನು ಅದರಿಂದ ಬೇರ್ಪಡಿಸಿ ಹೊಸದೊಂದು ವಸಾಹತನ್ನು ರಚಿಸಿತು. ಮರುವರ್ಷ ಡಿಯೆಗೊ ಗಾರ್ಸಿಯಾ ದ್ವೀಪವನ್ನು ಸೇನಾನೆಲೆಗಾಗಿ ಅಮೆರಿಕೆಗೆ ಒದಗಿಸಲು ಒಪ್ಪಿಕೊಂಡಿತು. ಸೇನೆಗೆ ಜನರಿಲ್ಲದ ನೆಲ ಬೇಕಾಗಿತ್ತು. ಲಂಡನ್ನಿನ ಅಧಿಕಾರಿಗಳು ಕಡತಗಳಲ್ಲಿ ಕಂಡುಕೊಂಡ ಉಪಾಯವು ಬಲು ಸರಳವಾದುದು: ತಲೆಮಾರುಗಳಿಂದ ಅಲ್ಲಿಯೇ ಹುಟ್ಟಿ ಅಲ್ಲಿಯೇ ಮಣ್ಣಾದವರನ್ನು ಗುತ್ತಿಗೆಯ ಕೂಲಿಗಳೆಂದು ಕರೆದುಬಿಡುವುದು. ಕಾಯಂ ನಿವಾಸಿಗಳೇ ಇಲ್ಲವೆಂದ ಮೇಲೆ ವಿಶ್ವಸಂಸ್ಥೆಗೆ ಉತ್ತರಿಸುವ ಹೊಣೆಯೂ ಉಳಿಯುವುದಿಲ್ಲ. ಚಿಕಿತ್ಸೆಗೋ ನೆಂಟರನ್ನು ಕಾಣಲೋ ಮಾರಿಷಸ್ಸಿಗೆ ಹೋದವರಿಗೆ ಹಿಂದಿರುಗುವ ಹಡಗು ಸಿಗಲಿಲ್ಲ. ಉಳಿದವರಿಗೆ ಬರುತ್ತಿದ್ದ ದಿನಸಿ ಕಡಿಮೆಯಾಗುತ್ತ ಬಂದಿತು. ಕಡೆಗೆ ಎಲ್ಲರನ್ನೂ ಹಡಗು ಹತ್ತಿಸಲಾಯಿತು. ಹೀಗೆ ನೆಲೆ ಕಳೆದುಕೊಂಡವರು ಸುಮಾರು 1,500ರಿಂದ 2,000 ಮಂದಿ.

1971ರಲ್ಲಿ ಡಿಯೆಗೊ ಗಾರ್ಸಿಯಾದ ಜನರು ಸಾಕಿದ್ದ ನಾಯಿಗಳನ್ನು ಕೊಬ್ಬರಿ ಒಣಗಿಸುವ ಶೆಡ್ಡಿನೊಳಗೆ ಕೂಡಿಹಾಕಿ, ವಾಹನಗಳ ಹೊಗೆ ಹಾಯಿಸಿ ಕೊಲ್ಲಲಾಯಿತು. ಡೇವಿಡ್ ವೈನ್ ಅವರ ‘ಐಲ್ಯಾಂಡ್ ಆಫ್ ಶೇಮ್’ (2009) ಗ್ರಂಥದಲ್ಲಿ ಈ ಪ್ರಸಂಗವನ್ನು ಓದಿದವರು ಅದನ್ನು ಮರೆಯಲಾರರು. ಕೃತ, ಕಾರಿತ, ಅನುಮೋದಿತ ಎಂಬ ಮೂರನ್ನೂ ಹಿಂಸೆಯೆಂದೇ ಎಣಿಸಿದ ಪರಂಪರೆಯ ಓದುಗರಿಗೆ ಇಲ್ಲಿ ಹೊಣೆ ಯಾರದೆಂಬುದನ್ನು ವಿವರಿಸಬೇಕಾಗಿಲ್ಲ. ದೂರದ ಕಚೇರಿಯಲ್ಲಿ ಟಿಪ್ಪಣಿ ಬರೆದ ಕೈಗೆ ಹೊಗೆ ತಾಗಿರಲಿಲ್ಲ, ಅಷ್ಟೆ.

ಸ್ಯಾಂಡ್ಸ್ ಅವರ ಗ್ರಂಥಕ್ಕೆ ಜೀವ ತುಂಬಿದವರು ಲಿಸ್ಬಿ ಎಲೀಸೆ. 1973ರಲ್ಲಿ ಪೆರೋಸ್ ಬನ್ಹೋಸ್ ದ್ವೀಪದಿಂದ ‘ನಾರ್ಡ್‌ವೇರ್’ ಹಡಗಿನಲ್ಲಿ ಸಾಗಿಸಲ್ಪಟ್ಟಾಗ ಆಕೆ ಇಪ್ಪತ್ತು ವರ್ಷದ ಗರ್ಭಿಣಿ; ಮಾರಿಷಸ್ಸಿನಲ್ಲಿ ಆ ಶಿಶು ಬದುಕಿ ಉಳಿಯಲಿಲ್ಲ. ಓದುಬರಹ ಬಾರದ ಆಕೆಯ ಹೇಳಿಕೆಯನ್ನು 2018ರಲ್ಲಿ ಚಿತ್ರಮುದ್ರಿಕೆಯ ಮೂಲಕ ನ್ಯಾಯಪೀಠದ ಮುಂದಿಡಲಾಯಿತು. ಈ ಭಾಗಗಳಲ್ಲಿ ಲೇಖಕರ ಬರವಣಿಗೆ ಸಂಯಮದಿಂದ ಕೂಡಿದೆ. ಕರುಣೆಯನ್ನು ಬಲವಂತವಾಗಿ ಉಕ್ಕಿಸುವ ಚಪಲವಿಲ್ಲ. ವಸಾಹತು ವಿಮೋಚನೆಯ ಕಾನೂನು ಬೆಳೆದುಬಂದ ಬಗೆಯನ್ನು ಸಾಮಾನ್ಯ ಓದುಗರಿಗೂ ತಿಳಿಯುವಂತೆ ನಿರೂಪಿಸಿರುವುದು ಮೆಚ್ಚತಕ್ಕ ಕಾರ್ಯ.

ಆದರೆ ಗ್ರಂಥದ ನಡೆಯೆಲ್ಲ ಒಂದು ವಿಜಯದತ್ತ ಸಾಗುತ್ತದೆ. 2019ರ ಫೆಬ್ರವರಿ 25ರಂದು ನ್ಯಾಯಾಲಯವು, ದ್ವೀಪಗಳನ್ನು ಬೇರ್ಪಡಿಸಿದ್ದು ಕಾನೂನುಬಾಹಿರವೆಂದೂ ಬ್ರಿಟನ್ ಅಲ್ಲಿಯ ಆಡಳಿತವನ್ನು ಆದಷ್ಟು ಬೇಗ ಕೊನೆಗೊಳಿಸಬೇಕೆಂದೂ ಸಲಹಾರೂಪದ ಅಭಿಪ್ರಾಯ ನೀಡಿತು. ಭಾರತವೂ ಅಲ್ಲಿ ಮಾರಿಷಸ್ಸಿನ ಪರ ಮಾತನಾಡಿತ್ತು. ಅದೇ ಅಭಿಪ್ರಾಯದಲ್ಲಿ ನಿರ್ವಾಸಿತರ ಮರುವಸತಿಯ ಪ್ರಶ್ನೆಯನ್ನು ಮಾನವ ಹಕ್ಕುಗಳ ವಿಷಯವೆಂದು ಹೇಳಿ ವಿಶ್ವಸಂಸ್ಥೆಯ ಮಹಾಸಭೆಗೆ ಬಿಡಲಾಯಿತು. ಎಂದರೆ, ಎಲೀಸೆಯ ಕಣ್ಣೀರು ನ್ಯಾಯಾಲಯವನ್ನು ಪ್ರವೇಶಿಸಿತು. ಆಕೆಯ ಮನೆಯ ಪ್ರಶ್ನೆ ಹೊರಗೇ ಉಳಿಯಿತು. ಮಾರಿಷಸ್ಸಿನ ಹಕ್ಕು ಮತ್ತು ಚಾಗೋಸ್ ಜನರ ಹಕ್ಕು ಒಂದೇ ಎಂಬಂತೆ ಗ್ರಂಥವು ನಡೆಯುತ್ತದೆ. ಅವು ಸದಾ ಒಂದೇ ಆಗಿರಲಿಲ್ಲವೆಂಬುದಕ್ಕೆ ಇತಿಹಾಸವೇ ಸಾಕ್ಷಿ. ಬ್ರಿಟನ್ ಕೊಟ್ಟ 6,50,000 ಪೌಂಡುಗಳ ಪರಿಹಾರಧನವು 1978ರವರೆಗೂ ಮಾರಿಷಸ್ ಸರ್ಕಾರದಿಂದ ನಿರಾಶ್ರಿತರ ಕೈಸೇರಲಿಲ್ಲ. 1982ರ ಎರಡನೆಯ ಪರಿಹಾರದ ಸಂದರ್ಭದಲ್ಲಿ ಹಿಂದಿರುಗುವ ಹಕ್ಕನ್ನು ಬಿಟ್ಟುಕೊಡುವ ಇಂಗ್ಲಿಷ್ ಪತ್ರಗಳ ಮೇಲೆ, ಆ ಭಾಷೆ ಅರಿಯದವರಿಂದ ಹೆಬ್ಬೆಟ್ಟು ಒತ್ತಿಸಲಾಯಿತು. ಇಂಗ್ಲೆಂಡಿನ ಕ್ರಾಲಿ ಪಟ್ಟಣದಲ್ಲಿ ನೆಲೆಸಿರುವ ಚಾಗೋಸಿಗರಲ್ಲಿ ಹಲವರು ಮಾರಿಷಸ್ ತಮ್ಮ ಪರವಾಗಿ ಮಾತನಾಡುವುದನ್ನೇ ಒಪ್ಪುವುದಿಲ್ಲ. ಕಕ್ಷಿಯ ವಕೀಲರಾದವರು ಈ ಭಿನ್ನಸ್ವರಕ್ಕೆ ಸಮನಾದ ಸ್ಥಾನ ಕೊಡುವುದು ಕಠಿಣವೇ ಸರಿ. ಇತಿಹಾಸಕಾರರೆನಿಸಬೇಕಾದರೆ ಅದನ್ನು ಕೊಡಲೇಬೇಕಾಗಿತ್ತು.

ಜೀವದಯೆಯ ಹೆಸರಿನಲ್ಲಿ ನಡೆದ ಇನ್ನೊಂದು ಸಂಗತಿಯೂ ಇಲ್ಲಿ ಗಮನಾರ್ಹ. 2010ರಲ್ಲಿ ಬ್ರಿಟನ್ ಈ ದ್ವೀಪಗಳ ಸುತ್ತಣ ಸಮುದ್ರವನ್ನು ಸಂರಕ್ಷಿತ ವಲಯವೆಂದು ಘೋಷಿಸಿ ಮೀನುಗಾರಿಕೆಯನ್ನು ನಿಷೇಧಿಸಿತು. ಜಲಚರಗಳ ರಕ್ಷಣೆಯನ್ನು ಯಾರೂ ಅಲ್ಲಗಳೆಯಲಾರರು. ಆದರೆ ಈ ಘೋಷಣೆಯಿಂದ ಮೂಲನಿವಾಸಿಗಳ ಮರಳುವಿಕೆ ಕಷ್ಟವಾಗುವುದೆಂಬ ಎಣಿಕೆ ಅಧಿಕಾರಿಗಳಿಗೆ ಇತ್ತೆಂಬುದು, ಆಮೇಲೆ ಬಯಲಾದ ಅಮೆರಿಕದ ರಾಜತಾಂತ್ರಿಕ ಪತ್ರದಿಂದ ತಿಳಿದುಬಂದಿತು. 2015ರಲ್ಲಿ ಮಧ್ಯಸ್ಥ ಮಂಡಳಿಯೊಂದು ಆ ಘೋಷಣೆಯು ಸಮುದ್ರ ಕಾನೂನಿನ ಒಡಂಬಡಿಕೆಗೆ ವಿರುದ್ಧವೆಂದು ತೀರ್ಮಾನಿಸಿತು. ಅದೇ ಡಿಯೆಗೊ ಗಾರ್ಸಿಯಾದಲ್ಲಿ ಯುದ್ಧವಿಮಾನಗಳ ನೆಲೆ ಮುಂದುವರಿದುದು ಸಂರಕ್ಷಣೆಗೆ ಭಂಗವೆಂದು ಯಾರಿಗೂ ತೋರಲಿಲ್ಲ.

ಗ್ರಂಥ ಪ್ರಕಟವಾದ ಮೂರು ವರ್ಷಗಳ ತರುವಾಯ, 2025ರ ಮೇ 22ರಂದು, ಬ್ರಿಟನ್ ಮತ್ತು ಮಾರಿಷಸ್ ಒಪ್ಪಂದಕ್ಕೆ ಸಹಿ ಹಾಕಿದವು. ದ್ವೀಪಗಳ ಒಡೆತನ ಮಾರಿಷಸ್ಸಿಗೆ. ಡಿಯೆಗೊ ಗಾರ್ಸಿಯಾದ ನೆಲೆ 99 ವರ್ಷಗಳ ಕಾಲ ಬ್ರಿಟನ್ನಿಗೆ. ಉಳಿದ ದ್ವೀಪಗಳಲ್ಲಿ ಜನರನ್ನು ನೆಲೆಗೊಳಿಸಲು ಮಾರಿಷಸ್ಸಿಗೆ ಅವಕಾಶವಿದೆ; ಡಿಯೆಗೊ ಗಾರ್ಸಿಯಾಕ್ಕೆ ಆ ಮಾತು ಅನ್ವಯಿಸದು. ಸಹಿ ಬಿದ್ದ ದಿನದ ನಸುಕಿನಲ್ಲಿ, ಅದೇ ದ್ವೀಪದಲ್ಲಿ ಹುಟ್ಟಿದ ಇಬ್ಬರು ಮಹಿಳೆಯರು ಲಂಡನ್ನಿನ ಹೈಕೋರ್ಟಿನಿಂದ ತಾತ್ಕಾಲಿಕ ತಡೆಯಾಜ್ಞೆ ಪಡೆದಿದ್ದರು. ಕೆಲವೇ ತಾಸುಗಳಲ್ಲಿ ಅದನ್ನು ತೆರವುಗೊಳಿಸಲಾಯಿತು.