ಗಡಿಯ ಸಂಬಳ, ಊರಿನ ಸಂಸಾರ

ಭಾರತೀಯ ಸೇನೆಯ ಕಾಯಂ ಸಿಪಾಯಿಯ ಆರಂಭದ ಮೂಲವೇತನ ತಿಂಗಳಿಗೆ 21,700 ರೂಪಾಯಿ. 7ನೇ ವೇತನ ಆಯೋಗದ ಕೋಷ್ಟಕದಲ್ಲಿ ಅದು 3ನೇ ಹಂತ. ಅದರ ಜೊತೆಗೆ ಸೈನಿಕ ಸೇವಾ ವೇತನ, ಅಂದರೆ ಎಂಎಸ್‌ಪಿ, 5,200 ರೂಪಾಯಿ. ಈ ಎರಡರ ಮೇಲೂ ತುಟ್ಟಿಭತ್ಯೆ. 2024ರ ಜನವರಿಯಲ್ಲಿ ತುಟ್ಟಿಭತ್ಯೆ ಶೇಕಡಾ 50 ಮುಟ್ಟಿದಾಗ ಮೂರೂ ಸೇರಿ 40,350 ರೂಪಾಯಿ ಆಯಿತು. ಬೆಳಗಾವಿ, ಧಾರವಾಡ, ಕೊಡಗು, ಹಾಸನದ ಹಳ್ಳಿಗಳಲ್ಲಿ ಹುಡುಗ ಮಿಲಿಟರಿಯಲ್ಲಿದ್ದಾನೆ ಎಂದಾಗ ಬೀಗರು ಮನಸ್ಸಿನಲ್ಲಿ ಹಾಕಿಕೊಳ್ಳುವ ಲೆಕ್ಕ ಹೆಚ್ಚುಕಡಿಮೆ ಇದೇ. ಆದರೆ ಮದುವೆಯಾದ ಮೇಲೆ ಸಂಸಾರದ ಹಣೆಬರಹ ನಿರ್ಧಾರವಾಗುವುದು ಪೇ ಸ್ಲಿಪ್ಪಿನ ಕೆಳಗಿನ ಸಾಲುಗಳಲ್ಲಿ. ಮನೆಬಾಡಿಗೆ ಭತ್ಯೆ, ಮಕ್ಕಳ ಶಿಕ್ಷಣ ಭತ್ಯೆ, ಫೀಲ್ಡ್ ಭತ್ಯೆ, ವಿಮೆ ಮತ್ತು ಭವಿಷ್ಯನಿಧಿಯ ಕಡಿತ ಎಲ್ಲವೂ ಅಲ್ಲಿವೆ. ಆ ಸಾಲುಗಳನ್ನು ಒಂದು ಕುಟುಂಬದ ಕಣ್ಣಿನಿಂದ ಓದಿದರೆ ಈ ವ್ಯವಸ್ಥೆಯ ಬಲವೂ ಕೊರತೆಯೂ ಕಾಣುತ್ತವೆ. ಸೈನಿಕ ಎಂಥ ಜಾಗದಲ್ಲಿ ನಿಂತಿದ್ದಾನೆ ಎಂಬುದನ್ನು ಅದು ಸಾಕಷ್ಟು ಎಚ್ಚರದಿಂದ ಅಳೆಯುತ್ತದೆ. ಅವನಿಲ್ಲದ ಮನೆ ಹೇಗೆ ನಡೆಯುತ್ತಿದೆ ಎಂಬುದನ್ನು ಅಳೆಯುವ ಕೋಲು ಅದರ ಬಳಿ ಇಲ್ಲ.

ಮೊದಲು ಒಳ್ಳೆಯದನ್ನೇ ಹೇಳಬೇಕು. ನ್ಯಾಯಮೂರ್ತಿ ಅಶೋಕ್ ಕುಮಾರ್ ಮಾಥುರ್ ಅವರ ನೇತೃತ್ವದ 7ನೇ ಆಯೋಗದ ಮುಂದೆ 196 ಬಗೆಯ ಭತ್ಯೆಗಳಿದ್ದವು. ಹತ್ತಾರು ವರ್ಷಗಳಲ್ಲಿ ಒಂದೊಂದಾಗಿ ಸೇರುತ್ತಾ ಬಂದ ಅವನ್ನು ಪೂರ್ತಿಯಾಗಿ ಬಲ್ಲವರು ಲೆಕ್ಕಪತ್ರ ಕಚೇರಿಗಳಲ್ಲೂ ಕಡಿಮೆ ಇದ್ದಿರಬೇಕು. ಆಯೋಗ ಅವುಗಳಲ್ಲಿ 52ನ್ನು ರದ್ದು ಮಾಡಲು, 36ನ್ನು ಬೇರೆಯವುಗಳಲ್ಲಿ ಸೇರಿಸಲು ಹೇಳಿತು. ಅಪಾಯ ಮತ್ತು ಕಷ್ಟ ಎಂಬ ಎರಡು ಅಳತೆಗಳನ್ನು ಅಡ್ಡ-ಉದ್ದ ಇಟ್ಟು ಒಂಬತ್ತು ಮನೆಗಳ ಒಂದು ಕೋಷ್ಟಕ ಮಾಡಿತು. ಫೀಲ್ಡ್, ಅತಿ ಎತ್ತರದ ಪ್ರದೇಶ, ಉಗ್ರರ ವಿರುದ್ಧದ ಕಾರ್ಯಾಚರಣೆ ಎಲ್ಲವೂ ಅದರೊಳಗೆ ಬಂದವು. ಸಿಯಾಚಿನ್ ಮಾತ್ರ ಆ ಒಂಬತ್ತೂ ಮನೆಗಳ ಮೇಲೆ ಪ್ರತ್ಯೇಕವಾಗಿ ನಿಂತಿತು. ಇದು ಸರಿಯಾದ ವಿಂಗಡಣೆ. ಅಧಿಕಾರಿ ವರ್ಗ ಮತ್ತು ಜವಾನರ ವರ್ಗದ ಮೊತ್ತ ಬೇರೆ ಬೇರೆಯಾದರೂ ಯಾವ ಜಾಗಕ್ಕೆ ಎಷ್ಟು ಎಂಬುದು ಮೊದಲ ಬಾರಿಗೆ ಒಂದೇ ಹಾಳೆಯಲ್ಲಿ ಕಾಣುವಂತಾಯಿತು.

ಆದರೆ ಆ ಹಾಳೆ ಜಾರಿಗೆ ಬಂದ ದಿನಾಂಕ ನೋಡಿ. ಪರಿಷ್ಕೃತ ವೇತನ 2016ರ ಜನವರಿ 1ರಿಂದ ಲೆಕ್ಕಕ್ಕೆ ಬಂತು, ಹಿಂಬಾಕಿಯೂ ಸಿಕ್ಕಿತು. ಭತ್ಯೆಗಳು ಮಾತ್ರ 2017ರ ಜುಲೈ 1ರಿಂದ. ನಡುವಿನ ಒಂದೂವರೆ ವರ್ಷಕ್ಕೆ ಹಿಂಬಾಕಿ ಇಲ್ಲ. ಸಿಯಾಚಿನ್ ಭತ್ಯೆ ಜವಾನರಿಗೆ ಮತ್ತು ಜೆಸಿಓಗಳಿಗೆ (ಸುಬೇದಾರ್‌ನಂಥ ಜೂನಿಯರ್ ಕಮಿಷನ್ಡ್ ಅಧಿಕಾರಿಗಳಿಗೆ) 14,000ದಿಂದ 30,000ಕ್ಕೆ, ಅಧಿಕಾರಿಗಳಿಗೆ 21,000ದಿಂದ 42,500ಕ್ಕೆ ಏರಿದ್ದು ಆಗಲೇ. ಆಯೋಗ ಹೇಳಿದ್ದು 21,000 ಮತ್ತು 31,500. ಸರ್ಕಾರ ಅದಕ್ಕಿಂತ ಹೆಚ್ಚು ಕೊಟ್ಟಿತು, ಅದಕ್ಕೆ ಮೆಚ್ಚುಗೆ ಸಲ್ಲಬೇಕು. ಆದರೆ ಆ ಒಂದೂವರೆ ವರ್ಷದ ಒಳಗೇ, 2016ರ ಫೆಬ್ರುವರಿ 3ರಂದು, ಸಿಯಾಚಿನ್‌ನ ಹಿಮಕುಸಿತದಲ್ಲಿ 19ನೇ ಮದ್ರಾಸ್ ಬೆಟಾಲಿಯನ್ನಿನ ಹತ್ತು ಮಂದಿ ಹೂತುಹೋದರು. ಆರು ದಿನಗಳ ನಂತರ ಜೀವಂತ ಸಿಕ್ಕ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಕುಂದಗೋಳ ತಾಲ್ಲೂಕಿನ ಬೆಟದೂರಿನವರು. ಫೆಬ್ರುವರಿ 11ರಂದು ದೆಹಲಿಯ ಸೇನಾ ಆಸ್ಪತ್ರೆಯಲ್ಲಿ ಅವರು ತೀರಿಕೊಂಡಾಗ ಇಡೀ ಕರ್ನಾಟಕ ಕಣ್ಣೀರಿಟ್ಟಿತು. ಆ ಚಳಿಗಾಲದಲ್ಲಿ ಅಲ್ಲಿ ನಿಂತವರಿಗೆ ಸಿಗುತ್ತಿದ್ದದ್ದು ಹಳೆಯ 14,000. ಕಚೇರಿಯಲ್ಲಿ ಕಡತ ತಡವಾದರೆ ಅದರ ನಷ್ಟವನ್ನು ಹಿಮದಲ್ಲಿ ನಿಂತವನು ಹೊರಬೇಕಾಗಿ ಬಂದದ್ದು ಈ ವ್ಯವಸ್ಥೆಯ ದೊಡ್ಡ ಅನ್ಯಾಯಗಳಲ್ಲಿ ಒಂದು.

ಇನ್ನು ಎಂಎಸ್‌ಪಿ. 6ನೇ ಆಯೋಗದಿಂದ ಆರಂಭವಾದ ಇದರ ಉದ್ದೇಶ ಸೈನಿಕ ಬದುಕಿನ ಲೆಕ್ಕಕ್ಕೆ ಸಿಗದ ಕಷ್ಟಗಳಿಗೆ ಪರಿಹಾರ ಕೊಡುವುದು. ಮನೆಯಿಂದ ದೂರವಿರುವುದು, ಪದೇ ಪದೇ ವರ್ಗವಾಗುವುದು, ಮೂವತ್ತೈದು-ನಲವತ್ತರ ಹೊತ್ತಿಗೇ ನಿವೃತ್ತಿಯಾಗುವುದು, ಎಲ್ಲಕ್ಕೂ ಉತ್ತರ ಇದೊಂದೇ. ಜವಾನರಿಗೂ ಜೆಸಿಓಗಳಿಗೂ 5,200. ಲೆಫ್ಟಿನೆಂಟ್‌ನಿಂದ ಬ್ರಿಗೇಡಿಯರ್‌ವರೆಗೆ 15,500. ಇಪ್ಪತ್ತೆರಡರ ಅವಿವಾಹಿತ ಲೆಫ್ಟಿನೆಂಟ್ ಪಡೆಯುವುದು ಮೂರು ದಶಕ ಸೇವೆ ಮಾಡಿ, ಇಬ್ಬರು ಮಕ್ಕಳನ್ನು ಬಹುಪಾಲು ಫೋನಿನಲ್ಲೇ ಬೆಳೆಸಿದ ಸುಬೇದಾರ್ ಮೇಜರ್‌ಗೆ ಸಿಗುವುದರ ಸುಮಾರು ಮೂರು ಪಟ್ಟು. ಮೂಲವೇತನದಲ್ಲಿ ಶ್ರೇಣಿಗೆ ತಕ್ಕ ವ್ಯತ್ಯಾಸ ಆಗಲೇ ಇದೆ, ಅದನ್ನು ಯಾರೂ ಪ್ರಶ್ನಿಸುವುದಿಲ್ಲ. ಅಗಲಿಕೆಯ ಪರಿಹಾರದಲ್ಲೂ ಶ್ರೇಣಿ ಯಾಕೆ ಬೇಕು? ಜೆಸಿಓಗಳಿಗೆ ಹೆಚ್ಚಿನ ಎಂಎಸ್‌ಪಿ ಕೊಡಬೇಕೆಂಬ ಸೇನೆಯ ಬೇಡಿಕೆಯನ್ನು 2018ರಲ್ಲಿ ಹಣಕಾಸು ಸಚಿವಾಲಯ ತಳ್ಳಿಹಾಕಿತು. ಆ ನಿರ್ಧಾರ ತಪ್ಪು ಎಂಬುದು ನನ್ನ ಖಚಿತ ಅಭಿಪ್ರಾಯ.

ಕುಟುಂಬಕ್ಕೆ ನೇರವಾಗಿ ತಟ್ಟುವ ಭತ್ಯೆ ಮನೆಬಾಡಿಗೆಯದು. ಹಿಂದೆ ಜವಾನರ ಪಾಲಿಗೆ ಅದು ಗೋಜಲಾಗಿತ್ತು. ಕುಟುಂಬ ವಸತಿಯ ಅಧಿಕಾರ ಇಂತಿಷ್ಟು ಶೇಕಡಾ ಮಂದಿಗೆ ಮಾತ್ರ ಎಂಬ ಮಿತಿ, ಕ್ವಾರ್ಟರ್ಸ್ ಸಿಗದವರಿಗೆ ಸಿಐಎಲ್‌ಕ್ಯೂ ಎಂಬ ಬದಲಿ ಹಣ, ಉಳಿದವರಿಗೆ ಇನ್ನೂ ಸಣ್ಣ ಮೊತ್ತದ ಮತ್ತೊಂದು ಭತ್ಯೆ. ಮದುವೆಯಾದವರೆಲ್ಲರಿಗೂ ಸಂಸಾರ ಒಂದೇ ಆಗಿರುವಾಗ ಕೆಲವರ ಸಂಸಾರವನ್ನಷ್ಟೇ ಒಪ್ಪಿಕೊಳ್ಳುವ ಪದ್ಧತಿ ಅದು. 7ನೇ ಆಯೋಗ ಅದನ್ನು ತೆಗೆದು, ಕ್ವಾರ್ಟರ್ಸ್ ಸಿಗದ ಜವಾನನಿಗೂ ಮನೆಬಾಡಿಗೆ ಭತ್ಯೆಯ ದಾರಿ ತೆರೆದದ್ದು ಈ ವರದಿಯ ಅತ್ಯುತ್ತಮ ಕೆಲಸ. ಅದಕ್ಕೆ ಬರಬೇಕಾದಷ್ಟು ಹೆಸರು ಬರಲಿಲ್ಲ.

ಈಗ ಲೆಕ್ಕ ಹೀಗಿದೆ. ಊರುಗಳಲ್ಲಿ ಮೂರು ದರ್ಜೆ. ತುಟ್ಟಿಭತ್ಯೆ ಶೇಕಡಾ 50 ದಾಟಿದ ಮೇಲೆ ದರ ಕ್ರಮವಾಗಿ ಮೂಲವೇತನದ ಶೇಕಡಾ 30, 20 ಮತ್ತು 10. ಎಂಎಸ್‌ಪಿ ಈ ಲೆಕ್ಕಕ್ಕೆ ಸೇರುವುದಿಲ್ಲ. ಮೊದಲ ದರ್ಜೆಯಲ್ಲಿ ನಮ್ಮ ರಾಜ್ಯದಿಂದ ಇರುವುದು ಬೆಂಗಳೂರು ಒಂದೇ. ಎರಡನೆಯದರಲ್ಲಿ ಹುಬ್ಬಳ್ಳಿ-ಧಾರವಾಡ, ಬೆಳಗಾವಿ, ಮೈಸೂರು, ಮಂಗಳೂರು, ಕಲಬುರಗಿ. ಉಳಿದ ಊರುಗಳೆಲ್ಲ ಮೂರನೆಯದರಲ್ಲಿ. ಹಾಗಾಗಿ 21,700 ಮೂಲವೇತನದವನ ಹೆಂಡತಿ ಮಕ್ಕಳು ಬೆಂಗಳೂರಿನಲ್ಲಿದ್ದರೆ 6,510 ರೂಪಾಯಿ, ಧಾರವಾಡದಲ್ಲಿದ್ದರೆ 4,340, ಕುಂದಗೋಳದಲ್ಲೋ ಗೋಕಾಕದಲ್ಲೋ ಮಡಿಕೇರಿಯಲ್ಲೋ ಇದ್ದರೆ 2,170. ಮಡಿಕೇರಿಯಲ್ಲಿ ಮನೆ ಹುಡುಕಿದವರಿಗೆ ಈ ಕೊನೆಯ ಅಂಕಿ ಏನನ್ನು ಕೊಳ್ಳಬಲ್ಲದು ಎಂದು ಬಿಡಿಸಿ ಹೇಳಬೇಕಿಲ್ಲ. ಬೆಂಗಳೂರಿನ 6,510ರಲ್ಲಿ ಮಗುವಿನ ಶಾಲೆಗೆ ಹತ್ತಿರವಾಗಿ ಎರಡು ಕೋಣೆಯ ಮನೆಯೂ ಸಿಗುವುದಿಲ್ಲ. ಈ ದರಗಳು ನಿಂತಿರುವುದು ಊರಿನ ಜನಸಂಖ್ಯೆಯ ಮೇಲೆ. ಅಲ್ಲಿನ ನಿಜವಾದ ಬಾಡಿಗೆಯನ್ನಾಗಲಿ, ಮನೆಯಲ್ಲಿ ಎಷ್ಟು ಜನ ಇದ್ದಾರೆ ಎಂಬುದನ್ನಾಗಲಿ ಅವು ಕೇಳುವುದಿಲ್ಲ. ಅಮೆರಿಕದ ಸೇನೆಯಲ್ಲಿ ವಸತಿ ಭತ್ಯೆಯನ್ನು ಪ್ರದೇಶದ ಬಾಡಿಗೆ ಅಳೆದು ನಿಗದಿ ಮಾಡುತ್ತಾರೆ. ಅವಲಂಬಿತರಿದ್ದವರಿಗೆ ಒಂದು ದರ, ಇಲ್ಲದವರಿಗೆ ಇನ್ನೊಂದು. ಕರ್ತವ್ಯದ ಕಾರಣ ಮನೆಯವರಿಂದ 30 ದಿನಕ್ಕಿಂತ ಹೆಚ್ಚು ದೂರವಿದ್ದರೆ ಕುಟುಂಬ ಅಗಲಿಕೆ ಭತ್ಯೆ ಎಂದೇ ಪ್ರತ್ಯೇಕ ಹಣ ಬರುತ್ತದೆ, ಮತ್ತು ಅದು ಎಲ್ಲ ಶ್ರೇಣಿಗೂ ಒಂದೇ. ಆ ದೇಶದ ಖಜಾನೆಯ ಅಳತೆ ಬೇರೆ, ಮೊತ್ತಗಳನ್ನು ಹೋಲಿಸುವುದು ಸಲ್ಲದು. ತತ್ವವನ್ನು ಎರವಲು ತರಲು ಖಜಾನೆ ದೊಡ್ಡದಿರಬೇಕಿಲ್ಲ.

ನಮ್ಮ ಜವಾನನಿಗೆ ವರ್ಷಕ್ಕೆ 60 ದಿನ ವಾರ್ಷಿಕ ರಜೆ, 30 ದಿನ ಸಾಂದರ್ಭಿಕ ರಜೆ. ಫೀಲ್ಡ್‌ನಲ್ಲಿದ್ದಾಗ ಉಳಿದ ಒಂಬತ್ತು ತಿಂಗಳು ಮನೆ ಹೆಂಡತಿಯ ಹೆಗಲ ಮೇಲೆ. ಅತ್ತೆ-ಮಾವನ ಆಸ್ಪತ್ರೆ, ಹೊಲದ ತಕರಾರು, ಮಗುವಿನ ಜ್ವರ, ಬ್ಯಾಂಕಿನ ಸಾಲು, ಎಲ್ಲವನ್ನೂ ಒಬ್ಬಳೇ ನೋಡಿಕೊಳ್ಳುವವಳ ಶ್ರಮಕ್ಕೆ 196 ಭತ್ಯೆಗಳ ಪರಿಶೀಲನೆಯಲ್ಲೂ ಬೆಲೆ ಕಟ್ಟಲಿಲ್ಲ.

ಮಕ್ಕಳ ಶಿಕ್ಷಣ ಭತ್ಯೆ ಸರಳವಾಗಿದೆ, ಆದ್ದರಿಂದಲೇ ಕುಟುಂಬಗಳಿಗೆ ನೆರವಾಗುತ್ತದೆ. ಇಬ್ಬರು ಮಕ್ಕಳವರೆಗೆ ತಲಾ ತಿಂಗಳಿಗೆ 2,250 ರೂಪಾಯಿ ಇದ್ದದ್ದು 2024ರಲ್ಲಿ ಶೇಕಡಾ 25ರಷ್ಟು ಏರಿತು. ವಿಕಲಚೇತನ ಮಕ್ಕಳಿಗೆ ಇಮ್ಮಡಿ. ಶಾಲೆಯ ಮುಖ್ಯಸ್ಥರ ಪ್ರಮಾಣಪತ್ರ ಕೊಟ್ಟರೆ ಸಾಕು. ಇದೇ ವ್ಯವಸ್ಥೆ ಮಡಿದ ಸೈನಿಕರ ಮಕ್ಕಳ ವಿಷಯದಲ್ಲಿ ಮಾತ್ರ ಒಮ್ಮೆ ಕೈ ಬಿಗಿ ಮಾಡಿತು. 1971ರ ಯುದ್ಧದ ನಂತರ ಅವರ ಶಾಲಾ ಕಾಲೇಜು ಶುಲ್ಕವನ್ನು ಪೂರ್ತಿಯಾಗಿ ಭರಿಸುವ ಮಾತು ಕೊಡಲಾಗಿತ್ತು. 2017ರಲ್ಲಿ ಅದಕ್ಕೆ ತಿಂಗಳಿಗೆ 10,000 ರೂಪಾಯಿಯ ಮಿತಿ ಹಾಕಿದರು. ಸೇನೆಯ ಒಳಗೂ ಹೊರಗೂ ವಿರೋಧ ಎದ್ದ ಮೇಲೆ 2018ರ ಮಾರ್ಚ್‌ನಲ್ಲಿ ಆ ಮಿತಿ ಹೋಯಿತು. ವಿಧವೆಯರ ವಿಷಯದಲ್ಲೂ ಕೈ ಬಿಗಿಯಾಗಿತ್ತು: ಶೌರ್ಯ ಪ್ರಶಸ್ತಿಯ ಭತ್ಯೆ ಪಡೆಯುವ ವಿಧವೆ ಮರುಮದುವೆಯಾದರೆ, ತೀರಿಕೊಂಡ ಗಂಡನ ಸಹೋದರನನ್ನೇ ಮದುವೆಯಾಗಬೇಕು ಎಂಬ ಷರತ್ತು 2017ರ ನವೆಂಬರ್‌ವರೆಗೂ ಜೀವಂತವಾಗಿತ್ತು. ಹೆಣ್ಣೊಬ್ಬಳ ಉಳಿದ ಬದುಕನ್ನು ಭತ್ಯೆಯ ನಿಯಮ ನಿರ್ಧರಿಸುವ ಹಕ್ಕು ಯಾವ ಕಾಲಕ್ಕೂ ಯಾರಿಗೂ ಇರಬಾರದಿತ್ತು.

ಈ ಎಲ್ಲ ಮೊತ್ತಗಳಿಗಿಂತ ಕುಟುಂಬಗಳು ಮೊದಲು ತಿಳಿಯಬೇಕಾದದ್ದು ಪಾರ್ಟ್ ಟು ಆರ್ಡರ್. ಜವಾನನ ಬದುಕಿನಲ್ಲಿ ನಡೆದ ಪ್ರತಿಯೊಂದೂ, ಮದುವೆ, ಮಗುವಿನ ಜನನ, ರಜೆ, ವರ್ಗಾವಣೆ, ಫೀಲ್ಡ್‌ಗೆ ಹೋದ ದಿನ, ಅಲ್ಲಿಂದ ಬಂದ ದಿನ, ಅವನ ಯೂನಿಟ್ಟಿನ ಪಾರ್ಟ್ ಟು ಆರ್ಡರ್‌ನಲ್ಲಿ ಪ್ರಕಟವಾಗಿ ರೆಕಾರ್ಡ್ಸ್ ಕಚೇರಿ ಮತ್ತು ವೇತನ ಲೆಕ್ಕಪತ್ರ ಕಚೇರಿ ತಲುಪಬೇಕು. ಆಮೇಲೆಯೇ ಹಣ ಬರುವುದು ಅಥವಾ ನಿಲ್ಲುವುದು. ಊರಲ್ಲಿ ನೂರು ಜನರ ಎದುರು ನಡೆದ ಮದುವೆ ಆ ಕಾಗದದಲ್ಲಿ ಬರುವವರೆಗೆ ಸೇನೆಯ ಲೆಕ್ಕಕ್ಕೆ ನಡೆದೇ ಇಲ್ಲ. ಹೆಸರಿನ ಕಾಗುಣಿತದಲ್ಲಿ ಕನ್ನಡಿಗರಿಗೆ ತೊಂದರೆ ಇನ್ನೂ ಹೆಚ್ಚು. ಆಧಾರ್‌ನಲ್ಲಿ ಒಂದು ರೀತಿ, ಶಾಲೆಯ ದಾಖಲೆಯಲ್ಲಿ ಇನ್ನೊಂದು, ಮದುವೆಗೆ ಮುಂಚಿನ ಹೆಸರು ಒಂದು, ಗಂಡನ ಮನೆಯಲ್ಲಿ ಕರೆಯುವುದು ಇನ್ನೊಂದು. ಇಂಗ್ಲಿಷ್ ಅಕ್ಷರ ಒಂದು ಅದಲುಬದಲಾದರೂ ವರ್ಷಗಳ ನಂತರ, ಬಹಳ ಕೆಟ್ಟ ಹೊತ್ತಿನಲ್ಲಿ, ಕುಟುಂಬ ಪಿಂಚಣಿಯ ಕಡತ ಅಲ್ಲಿಯೇ ನಿಲ್ಲುತ್ತದೆ. ಆ ಪಿಂಚಣಿಯಲ್ಲೂ ಮೆಟ್ಟಿಲುಗಳಿವೆ. ಸಾಮಾನ್ಯ ಸಾವಿಗೆ ಕೊನೆಯ ವೇತನದ ಶೇಕಡಾ 30, ಸೇವೆಯ ಕಾರಣದಿಂದ ಸತ್ತರೆ ಶೇಕಡಾ 60, ಯುದ್ಧ ಕಾರ್ಯಾಚರಣೆಯಲ್ಲಿ ಮಡಿದರೆ ಪೂರ್ತಿ ವೇತನ. ಯಾವ ಮೆಟ್ಟಿಲು ಎಂಬುದನ್ನು ನಿರ್ಧರಿಸುವುದು ಮತ್ತೆ ಒಂದು ಕಾಗದ. ಕಾಗದದ ಮೇಲೆ ಇಷ್ಟು ಭಾರ ಹೊರಿಸಿದ ವ್ಯವಸ್ಥೆ ಅದನ್ನು ಓದಲು ಬರುವ ಭಾಷೆಯಲ್ಲಿ ಕುಟುಂಬಕ್ಕೆ ಕೊಡಬೇಕಿತ್ತು. ಸಂಕ್ಷೇಪಾಕ್ಷರಗಳಿಂದ ತುಂಬಿದ ಪೇ ಸ್ಲಿಪ್ಪನ್ನು ಕನ್ನಡದಲ್ಲಷ್ಟೇ ಓದಬಲ್ಲ ಹೆಂಡತಿ ಅರ್ಥಮಾಡಿಕೊಳ್ಳಲಾರಳು.

ಅಗ್ನಿವೀರರ ವಿಷಯ ಬೇರೆ ರೀತಿಯಲ್ಲಿ ನೋವಿನದು. 2022ರ ಜೂನ್ 14ರಂದು ಘೋಷಣೆಯಾದ ಅಗ್ನಿಪಥ ಯೋಜನೆಯಲ್ಲಿ ಸೇರುವವರು ಅವಿವಾಹಿತರಾಗಿರಬೇಕು. ಮೊದಲ ವರ್ಷ ತಿಂಗಳಿಗೆ 30,000 ರೂಪಾಯಿ, ಅದರಲ್ಲಿ ಶೇಕಡಾ 30 ಸೇವಾನಿಧಿಗೆ ಹೋಗಿ ಕೈಗೆ 21,000. ನಾಲ್ಕನೇ ವರ್ಷ 40,000, ಕೈಗೆ 28,000. ಕಷ್ಟದ ಜಾಗದ ಭತ್ಯೆ, ಪಡಿತರ, ಉಡುಪು, ಪ್ರಯಾಣದ ಹಣ ಇವೆ. ತುಟ್ಟಿಭತ್ಯೆ ಇಲ್ಲ, ಎಂಎಸ್‌ಪಿ ಇಲ್ಲ, ಪಿಂಚಣಿ ಇಲ್ಲ. ನಾಲ್ಕು ವರ್ಷದ ಕೊನೆಗೆ ಆ ಸೇವಾನಿಧಿಯಿಂದ ಸುಮಾರು 11.71 ಲಕ್ಷದ ಗಂಟು ಸಿಗುತ್ತದೆ, ಅವರಲ್ಲಿ ಮುಂದುವರಿಯುವವರು ಹೆಚ್ಚೆಂದರೆ ಶೇಕಡಾ 25. ಪ್ರಾಣ ಹೋದರೆ 48 ಲಕ್ಷದ ವಿಮೆ, ಸೇವೆಯ ಕಾರಣದ ಸಾವಾದರೆ 44 ಲಕ್ಷದ ಪರಿಹಾರ ಮತ್ತು ಉಳಿದ ಅವಧಿಯ ಸಂಬಳ ಕುಟುಂಬಕ್ಕೆ ಬರುತ್ತವೆ. ಮೊತ್ತ ಸಣ್ಣದಲ್ಲ. ಆದರೆ ಅವಿವಾಹಿತ ಎಂದ ಮಾತ್ರಕ್ಕೆ ಅವನಿಗೆ ಕುಟುಂಬವಿಲ್ಲ ಎಂದು ಭಾವಿಸಿದ್ದು ಹಳ್ಳಿಯ ವಾಸ್ತವ ತಿಳಿಯದ ಯೋಚನೆ. ಇಪ್ಪತ್ತರ ಹುಡುಗನ ಸಂಬಳದಲ್ಲಿ ತಂದೆಯ ಸಾಲ ತೀರುತ್ತಿರುತ್ತದೆ, ತಂಗಿ ಓದುತ್ತಿರುತ್ತಾಳೆ. ಒಂದೇ ಬಂಕರಿನಲ್ಲಿ ಪಕ್ಕಪಕ್ಕ ಕಾವಲು ನಿಂತ ಇಬ್ಬರಲ್ಲಿ ಒಬ್ಬನ ತಾಯಿಗೆ ತುಟ್ಟಿಯಾಗುವ ಅಕ್ಕಿ ಬೇಳೆ ಇನ್ನೊಬ್ಬನ ತಾಯಿಗೂ ತುಟ್ಟಿಯೇ.

ನ್ಯಾಯಮೂರ್ತಿ ರಂಜನಾ ಪ್ರಕಾಶ್ ದೇಸಾಯಿ ಅವರ ಅಧ್ಯಕ್ಷತೆಯ 8ನೇ ವೇತನ ಆಯೋಗದ ಕಾರ್ಯವ್ಯಾಪ್ತಿಗೆ 2025ರ ಅಕ್ಟೋಬರ್‌ನಲ್ಲಿ ಒಪ್ಪಿಗೆ ಸಿಕ್ಕಿದೆ, ವರದಿಗೆ 18 ತಿಂಗಳ ಗಡುವಿದೆ. ಕುಟುಂಬದಿಂದ ದೂರ ಉಳಿಯುವ ಪ್ರತಿ ತಿಂಗಳಿಗೆ ಎಲ್ಲ ಶ್ರೇಣಿಗೂ ಒಂದೇ ಮೊತ್ತದ ಅಗಲಿಕೆ ಭತ್ಯೆ, ಜೆಸಿಓಗಳಿಗೆ ನ್ಯಾಯವಾದ ಎಂಎಸ್‌ಪಿ, ಅಗ್ನಿವೀರರಿಗೆ ತುಟ್ಟಿಭತ್ಯೆ, ಭತ್ಯೆಗಳಿಗೂ ವೇತನಕ್ಕೂ ಒಂದೇ ಜಾರಿ ದಿನಾಂಕ: ಮಾಜಿ ಸೈನಿಕರ ಸಂಘಗಳು ಆಯೋಗದ ಮುಂದೆ ಇವನ್ನು ಬರವಣಿಗೆಯಲ್ಲಿ ಇಡಬೇಕು. ರಾಜ್ಯದ ಸೈನಿಕ ಕಲ್ಯಾಣ ಇಲಾಖೆ ಪೇ ಸ್ಲಿಪ್ ಓದುವ ಕನ್ನಡ ಕೈಪಿಡಿಯನ್ನು ಪ್ರತಿ ಜವಾನನ ಮನೆಗೆ ತಲುಪಿಸಬೇಕು. ಅಲ್ಲಿಯವರೆಗೆ ಸೈನಿಕರ ಮನೆಯವರಲ್ಲಿ ಒಂದು ಕೋರಿಕೆ. ಈ ಸಲ ರಜೆಗೆ ಬಂದವರು ಹಿಂದಿರುಗುವ ಮುನ್ನ ಹೆಂಡತಿಯ ಹೆಸರು, ಮಕ್ಕಳ ಹೆಸರು, ಹುಟ್ಟಿದ ದಿನಾಂಕಗಳು ಪಾರ್ಟ್ ಟು ಆರ್ಡರ್‌ನಲ್ಲೂ ಆಧಾರ್‌ನಲ್ಲೂ ಅಕ್ಷರಶಃ ಒಂದೇ ಇವೆಯೇ ಎಂದು ಜೊತೆಗೆ ಕೂತು ನೋಡಿಕೊಳ್ಳಿ, ಆ ಆರ್ಡರ್‌ನ ಒಂದು ಪ್ರತಿ ಮನೆಯಲ್ಲಿರಲಿ.