ಮೃಗೀಯ: ಒಂದು ವಿಶೇಷಣದ ಜಾತಿ

1

ಕಳೆದ ವರ್ಷ ಬಿ.ಎ. ತರಗತಿಯ ಹುಡುಗರಿಗೆ ಕಂಬಾಲಪಲ್ಲಿಯ ಬಗ್ಗೆ ಒಂದು ಪುಟ ಬರೆದುಕೊಂಡು ಬನ್ನಿ ಎಂದಿದ್ದೆ. ಆ ಘಟನೆ ನಡೆದಾಗ ಅವರ್ಯಾರೂ ಹುಟ್ಟಿರಲಿಲ್ಲ. ನಾನೇ ಆಗಿನ್ನೂ ಅಂಗಳದಲ್ಲಿ ಎದ್ದು ಬಿದ್ದು ಓಡಾಡುವ ಕೂಸು. ಬಂದ ಹಾಳೆಗಳನ್ನು ತಿದ್ದುತ್ತಾ ಕೂತಾಗ ಒಂದು ಪದ ಮತ್ತೆ ಮತ್ತೆ ಕಣ್ಣಿಗೆ ಬಿತ್ತು: ‘ಮೃಗೀಯ’. ಮೃಗೀಯ ಕೃತ್ಯ, ಮೃಗೀಯ ವರ್ತನೆ. ಕೆಲವರು ‘ಪಾಶವೀ ಕೃತ್ಯ’ ಎಂದಿದ್ದರು. ಒಬ್ಬ ಮಾತ್ರ ‘ದಲಿತರನ್ನು ಮೃಗೀಯವಾಗಿ ನಡೆಸಿಕೊಳ್ಳಲಾಯಿತು’ ಎಂದು ಬರೆದಿದ್ದ. ಆ ವಾಕ್ಯದ ಕೆಳಗೆ ಗೆರೆ ಎಳೆದು ‘ಸ್ಪಷ್ಟವಿಲ್ಲ’ ಎಂದು ಬರೆದೆ.

ಮಾರನೆಯ ದಿನ ಹುಡುಗ ಹಾಳೆ ಹಿಡಿದುಕೊಂಡು ಬಂದ. “ಇದ್ರಲ್ಲಿ ಏನು ತಪ್ಪಾಯ್ತು ಸಾ? ಪೇಪರ್ನೋರೂ ಹಿಂಗೇ ಬರೀತರಲ್ಲ” ಎಂದ. ತಪ್ಪಿಲ್ಲಪ್ಪ, ಅರ್ಥ ಎರಡು ಕಡೆ ಎಳೀತದೆ ಎಂದೆ. ಸ್ವಲ್ಪ ಹೊತ್ತು ಹಾಳೆಯನ್ನೇ ನೋಡುತ್ತಾ ನಿಂತಿದ್ದು ಕೇಳಿದ: “ಹಂಗಾರೆ ಇದ್ರಲ್ಲಿ ಮೃಗ ಯಾರು ಸಾ? ಮಾಡ್ದೋರಾ, ಮಾಡಿಸ್ಕಂಡೋರಾ?”

ನನಗೆ ಉತ್ತರ ಹೊಳೆಯಲಿಲ್ಲ. ಎಂ.ಎ.ಯಲ್ಲಿ ಎರಡು ವರ್ಷ ಕಾವ್ಯಮೀಮಾಂಸೆ ಓದಿ ಅಲಂಕಾರಗಳ ಲಕ್ಷಣ ಬಾಯಿಪಾಠ ಮಾಡಿದವನು ನಾನು. ಉಪಮಾನ ಯಾವುದು, ಉಪಮೇಯ ಯಾವುದು ಎಂದು ಹುಡುಗರನ್ನು ಕೇಳುವುದೇ ನನ್ನ ಕಸುಬು. ಈಗ ಅದೇ ಪ್ರಶ್ನೆ ನನ್ನ ಮೇಜಿಗೆ ವಾಪಸ್ಸು ಬಂದಿತ್ತು. ಆ ಹುಡುಗನಿಗೆ ತಡವಾಗಿ ಕೊಡುತ್ತಿರುವ ಉತ್ತರವೇ ಈ ಬರಹ.

2

ಮೊದಲು ಪದದ ಹುಟ್ಟನ್ನು ನೋಡಬಹುದು. ‘ಮೃಗೀಯ’, ‘ಪಾಶವೀ’ ಎರಡೂ ಸಂಸ್ಕೃತದ ಕಡೆಯಿಂದ ಬಂದ ಗುಣವಾಚಕಗಳು. ಮೃಗ ಎನ್ನುವುದು ಬೇಟೆಯ ಲೋಕಕ್ಕೆ ಸೇರಿದ ಶಬ್ದ. ಮೃಗಯಾ ಎಂದರೆ ಬೇಟೆ. ಹಳಗನ್ನಡದಲ್ಲಿ ಅದು ತದ್ಭವವಾಗಿ ‘ಮಿಗ’ವಾಯಿತು. ಸಂಸ್ಕೃತದಲ್ಲಾಗಲಿ ಹಳಗನ್ನಡದಲ್ಲಾಗಲಿ ಈ ಶಬ್ದಕ್ಕೆ ಕಾಡುಪ್ರಾಣಿ ಎಂಬ ಅರ್ಥದ ಜೊತೆಗೆ ಜಿಂಕೆ ಎಂಬ ಅರ್ಥವೂ ಉಂಟು. ಅಂದರೆ ಮೃಗ ಎಂದಾಗ ಕಣ್ಣಮುಂದೆ ಮೊದಲು ಬರಬೇಕಾದ್ದು ಕೊಲ್ಲುವ ಜೀವವಲ್ಲ, ಕೊಲ್ಲಿಸಿಕೊಳ್ಳುವ ಜೀವ. ಪಶುವಿನ ಕತೆಯೂ ಹೀಗೇ. ಶೈವರ ಪರಿಭಾಷೆಯಲ್ಲಿ ಪತಿ, ಪಶು, ಪಾಶ ಎಂದು ಮೂರು ತತ್ವಗಳು. ಅಲ್ಲಿ ಪಶು ಎಂದರೆ ಪಾಶದಿಂದ ಕಟ್ಟಿಸಿಕೊಂಡ ಜೀವ. ಹಗ್ಗ ಬೇರೆಯವರದ್ದು, ಕುತ್ತಿಗೆ ಇದರದ್ದು.

ಇಂದಿನ ನಮ್ಮ ಬರವಣಿಗೆಯಲ್ಲಿ ಈ ಎರಡು ಪದಗಳಿಗೆ ಆಗಿರುವುದೇನು? ಓಡುತ್ತಿದ್ದ ಜೀವದ ಹೆಸರು ಅಟ್ಟಿಸಿಕೊಂಡು ಹೋದವನ ಕ್ರೌರ್ಯಕ್ಕೆ ವಿಶೇಷಣವಾಗಿದೆ. ಕಟ್ಟಿಸಿಕೊಂಡ ಜೀವದ ಹೆಸರು ಕಟ್ಟಿದವನ ಬಲಕ್ಕೆ ವಿಶೇಷಣವಾಗಿದೆ. ಹೊಡೆಸಿಕೊಂಡವನ ಹೆಸರಿನಲ್ಲಿ ಹೊಡೆದವನ ತಪ್ಪನ್ನು ಬರೆದಿಡುವ ಈ ಲೆಕ್ಕ ಕೇರಿಯ ಜನರಿಗೆ ಹೊಸದಲ್ಲ.

ಆಡುಗನ್ನಡದ ದಾರಿ ಬೇರೆ. ಎಲ್ಲ ಪ್ರಾಣಿಗಳನ್ನೂ ಒಂದೇ ಮೂಟೆ ಕಟ್ಟಿ ‘ಮೃಗೀಯ’ ಎನ್ನುವ ಅಭ್ಯಾಸ ಅದಕ್ಕಿಲ್ಲ. ಅದು ಒಂದೊಂದು ಪ್ರಾಣಿಯನ್ನೂ ಹೆಸರು ಹಿಡಿದೇ ಕರೆಯುತ್ತದೆ: ನರಿಬುದ್ಧಿ, ಕೋತಿಚೇಷ್ಟೆ, ನಾಯಿಪಾಡು, ಕತ್ತೆಚಾಕರಿ. ಇಲ್ಲಿ ಜಾತಿಯಿಲ್ಲವೆಂದು ನಾನು ಹೇಳುತ್ತಿಲ್ಲ. ‘ಹಸುವಿನಂಥ ಹುಡುಗಿ’ ಎಂದರೆ ಹೊಗಳಿಕೆ, ‘ಎಮ್ಮೆಯಂಥವಳು’ ಎಂದರೆ ಬೈಗುಳ. ಎರಡೂ ಹುಲ್ಲು ತಿಂದು ಹಾಲು ಕೊಡುವ ಪ್ರಾಣಿಗಳೇ. ಒಂದು ಮೇಲೆ ಹೋಗಿದ್ದು, ಇನ್ನೊಂದು ಕೆಳಗೆ ಉಳಿದದ್ದು ಹಾಲಿನ ಲೆಕ್ಕದಿಂದಲ್ಲ. ಅರವಿಂದ ಮಾಲಗತ್ತಿಯವರ ‘ಗೌರ್ನಮೆಂಟ್ ಬ್ರಾಹ್ಮಣ’ದಲ್ಲಿ ಬರುವ ಎಮ್ಮೆ-ಕೋಣದ ಪ್ರಸಂಗವನ್ನು ಓದಿದವರಿಗೆ ಅಸ್ಪೃಶ್ಯತೆ ದನದ ಕೊಟ್ಟಿಗೆಯವರೆಗೂ ಹೋಗುತ್ತದೆ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

3

ಈಗ ಹುಡುಗನ ಪ್ರಶ್ನೆಯ ಮೊದಲ ಭಾಗ: ಮಾಡಿದವರು ಮೃಗಗಳೇ?

2000ದ ಮಾರ್ಚ್ 11ರಂದು ಆಗಿನ ಕೋಲಾರ ಜಿಲ್ಲೆಯ ಚಿಂತಾಮಣಿ ತಾಲ್ಲೂಕಿನ ಕಂಬಾಲಪಲ್ಲಿಯಲ್ಲಿ ಏಳು ಜನ ದಲಿತರನ್ನು ಸುಟ್ಟು ಕೊಂದರು. ಇಂಥದು ನಡೆದಾಗಲೆಲ್ಲ ಖಂಡಿಸುವವರ ಬಾಯಿಗೆ ಮೊದಲು ಬರುವುದು ‘ಮೃಗೀಯ’, ‘ಪಾಶವೀ’, ‘ಪೈಶಾಚಿಕ’ ಎಂಬ ಮಾತುಗಳು. ಆಡುವವರ ಸಂಕಟವನ್ನು ನಾನು ಅನುಮಾನಿಸುತ್ತಿಲ್ಲ. ಆದರೆ ಆ ಮಾತು ಮಾಡುವ ಕೆಲಸವನ್ನು ಗಮನಿಸಬೇಕು. ಯಾವ ಮೃಗ ಜಾತಿ ಕೇಳಿ ಬೆಂಕಿ ಹಚ್ಚುತ್ತದೆ? ಯಾವ ಪಶು ಬಾವಿಗೆ ಬೇಲಿ ಹಾಕುತ್ತದೆ, ಬಹಿಷ್ಕಾರ ಹಾಕಿ ದಂಡ ಕಟ್ಟಿಸಿಕೊಳ್ಳುತ್ತದೆ? ಹುಲಿ ಹಸಿವಾದಾಗ ಕೊಲ್ಲುತ್ತದೆ, ಹಾವು ತುಳಿದರೆ ಕಚ್ಚುತ್ತದೆ. ಜಾತಿಯ ಹಿಂಸೆಗೆ ನೆನಪು ಬೇಕು, ಜಮೀನು ಬೇಕು, ಪಂಚಾಯ್ತಿ ಬೇಕು, ಶಾಸ್ತ್ರ ಬೇಕು. ಅದು ಪೂರ್ತಿಯಾಗಿ ಮನುಷ್ಯರ ಕೆಲಸ. ‘ಮೃಗೀಯ’ ಎಂದು ಕರೆದ ತಕ್ಷಣ ಅದು ಸಮಾಜದ ಹೊರಗೆ, ಕಾಡಿನಲ್ಲೆಲ್ಲೋ ನಡೆದದ್ದಾಗಿಬಿಡುತ್ತದೆ. ಊರು ನಿರಾಳವಾಗುತ್ತದೆ.

ಕಂಬಾಲಪಲ್ಲಿಯ ಪ್ರಕರಣದಲ್ಲಿ 2006ರಲ್ಲಿ ಆರೋಪಿಗಳೆಲ್ಲ ಖುಲಾಸೆಯಾದರು. 2014ರಲ್ಲಿ ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ನಡೆದದ್ದು ಮೃಗೀಯ ಎಂಬುದರಲ್ಲಿ ಯಾರಿಗೂ ಭಿನ್ನಾಭಿಪ್ರಾಯವಿರಲಿಲ್ಲ. ಮಾಡಿದ ಮನುಷ್ಯ ಮಾತ್ರ ಸಿಕ್ಕಲಿಲ್ಲ.

ಈ ವಿಷಯದಲ್ಲಿ ನಮ್ಮ ಸಾಹಿತ್ಯದ ಭಾಷೆಗಿಂತ ಕಾನೂನಿನ ಕನ್ನಡವೇ ಎಚ್ಚರವಾಗಿದೆ ಎನಿಸುತ್ತದೆ. 1989ರ ಕಾಯ್ದೆಯನ್ನು ನಾವು ಕರೆಯುವುದು ‘ದೌರ್ಜನ್ಯ ತಡೆ ಕಾಯ್ದೆ’ ಎಂದು. ದೌರ್ಜನ್ಯ ಎಂದರೆ ದುರ್ಜನರ ನಡತೆ. ದುರ್ಜನನೂ ಜನವೇ. ಅವನಿಗೆ ಹೆಸರಿದೆ, ವಿಳಾಸವಿದೆ, ಆಸ್ತಿಯಿದೆ. ಅವನನ್ನು ಕಟಕಟೆಯಲ್ಲಿ ನಿಲ್ಲಿಸಬಹುದು. ಕೊಪ್ಪಳ ಜಿಲ್ಲೆಯ ಮರಕುಂಬಿಯಲ್ಲಿ 2014ರಲ್ಲಿ ದಲಿತರ ಗುಡಿಸಲುಗಳಿಗೆ ಬೆಂಕಿ ಇಟ್ಟ ಪ್ರಕರಣದಲ್ಲಿ 2024ರ ಅಕ್ಟೋಬರಿನಲ್ಲಿ ಅಲ್ಲಿನ ನ್ಯಾಯಾಲಯ 98 ಜನರಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಆ ತೀರ್ಪಿನ ಸುದ್ದಿ ಓದಿದಾಗ ನನಗೆ ಮುಖ್ಯವೆನಿಸಿದ್ದು ಆ ಎಣಿಕೆ. ತೊಂಬತ್ತೆಂಟು ಎಂದು ಎಣಿಸಲು ಸಾಧ್ಯವಾದದ್ದು ಅವರನ್ನು ಮನುಷ್ಯರೆಂದು ಹಿಡಿದಿದ್ದರಿಂದ.

4

ಪ್ರಶ್ನೆಯ ಎರಡನೆಯ ಭಾಗ ನನಗೆ ಇನ್ನೂ ಹತ್ತಿರದ್ದು: ಮಾಡಿಸಿಕೊಂಡವರು ಮೃಗಗಳೇ?

ಕನ್ನಡ ಶಾಲೆಯಲ್ಲಿ ಓದಿದ ಯಾರಿಗೂ ಗೊತ್ತಿರುವ ಬೈಗುಳ ಒಂದಿದೆ: “ದನ ಕಾಯೋಕ್ ಹೋಗು.” ಮಗ್ಗಿ ತಪ್ಪಿದ ಎಲ್ಲ ಜಾತಿಯ ಮಕ್ಕಳಿಗೂ ನಮ್ಮ ಮೇಷ್ಟ್ರು ಅದನ್ನೇ ಅನ್ನುತ್ತಿದ್ದರು. ಉಳಿದ ಮಕ್ಕಳು ನಗುತ್ತಿದ್ದರು, ಯಾಕೆಂದರೆ ಅವರಿಗೆ ಅದು ಗಾದೆಮಾತು. ನನಗೆ ಅದು ಮನೆ ವಿಳಾಸ. ನನ್ನ ತಾತ ಜೀತಕ್ಕಿದ್ದು ದನ ಕಾದವನು. ಒಂದೇ ವಾಕ್ಯ ಒಬ್ಬನಿಗೆ ಅಲಂಕಾರ, ಇನ್ನೊಬ್ಬನಿಗೆ ವರದಿ. ನಮ್ಮ ಅಲಂಕಾರಶಾಸ್ತ್ರದಲ್ಲಿ ಕೇಳುವವನ ಜಾತಿಯನ್ನು ವಿಚಾರಿಸುವ ಒಂದು ಪ್ರಕರಣವೂ ಇಲ್ಲ.

ಕಾದ ಪ್ರಾಣಿಯೇ ಕಾದವನ ಹೆಸರಾಗುವುದನ್ನು ಕನ್ನಡದ ಇಬ್ಬರು ದೊಡ್ಡ ಕತೆಗಾರರು ಗುರುತಿಸಿದ್ದಾರೆ. ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ (1967) ಕಾದಂಬರಿಯ ನಾಯಿಗುತ್ತಿಯನ್ನು ನೆನೆಯಿರಿ. ಸದಾ ನಾಯಿಯ ಜೊತೆಗಿರುವ ಹೊಲೆಯರ ಗುತ್ತಿ ‘ನಾಯಿಗುತ್ತಿ’. ಅವನ ನಾಯಿಯ ಹೆಸರು ‘ಹುಲಿಯ’. ನಾಯಿಗೆ ಹುಲಿಯ ಹೆಸರು, ಮನುಷ್ಯನಿಗೆ ನಾಯಿಯ ಹೆಸರು! ವ್ಯಾಕರಣದ ಪ್ರಕಾರ ನಾಯಿಗುತ್ತಿ ಎಂದರೆ ನಾಯಿಯನ್ನುಳ್ಳ ಗುತ್ತಿ. ಆದರೆ ಒಡೆಯರ ಜಗುಲಿಯಿಂದ ಆ ಹೆಸರನ್ನು ಕೂಗಿದಾಗ ‘ಉಳ್ಳ’ ಎಂಬುದು ಮೆಲ್ಲಗೆ ‘ಅಂಥ’ ಆಗಿಬಿಡುವ ಅಪಾಯ ಇದ್ದೇ ಇದೆ. ಕುವೆಂಪು ಹಾಗಾಗಲು ಬಿಡದಿರುವುದೇ ಅವರ ದೊಡ್ಡತನ. ಗುತ್ತಿ-ಹುಲಿಯರ ನಡುವೆ ಅವರು ಕಟ್ಟಿದ್ದು ಸ್ನೇಹವನ್ನು. ಕೊನೆಯಲ್ಲಿ ತುಂಗೆಯ ಪ್ರವಾಹಕ್ಕೆ ಸಿಕ್ಕಿ ಹುಲಿಯ ಹೋದಾಗ ಗುತ್ತಿಗೆ ಆಗುವ ನಷ್ಟ ಒಬ್ಬ ಗೆಣೆಕಾರನನ್ನು ಕಳಕೊಂಡವನದು. ಆದರೂ ತರಗತಿಗಳಲ್ಲಿ ಈ ಸ್ನೇಹವನ್ನು ‘ಪ್ರಕೃತಿಸಹಜ’, ‘ಪಶುಸಹಜ’ ಎಂಬ ಮಾತುಗಳಲ್ಲಿ ವಿವರಿಸುವುದನ್ನು ನಾನು ವಿದ್ಯಾರ್ಥಿಯಾಗಿ ಕೇಳಿದ್ದೇನೆ, ಅಧ್ಯಾಪಕನಾಗಿ ಒಮ್ಮೆ ನಾನೇ ಹೇಳಿದ್ದೇನೆ. ಗೌಡರ ಮನೆಯವರು ನಾಯಿ ಸಾಕಿದರೆ ಅದು ಹವ್ಯಾಸ, ಹೊಲೆಯ ಸಾಕಿದರೆ ಅದು ಅವನ ಸ್ವಭಾವ. ಇದು ಕಾದಂಬರಿಯ ದೋಷವಲ್ಲ, ನಮ್ಮ ವಿಮರ್ಶೆಯ ಪರಿಭಾಷೆಯ ದೋಷ.

ದೇವನೂರ ಮಹಾದೇವ ಅವರ ‘ಅಮಾಸ’ ಕತೆಯಲ್ಲಿ (‘ದ್ಯಾವನೂರು’, 1973) ಕುರಿ ಕಾದ ಮುದುಕ ಕುರಿಯಯ್ಯನಾಗಿದ್ದಾನೆ. ಕೆಲಸ ಹೆಸರನ್ನು ತಿಂದುಹಾಕಿದೆ. ಆದರೆ ಅದೇ ಕತೆಯಲ್ಲಿ ಮಾರಿಹಬ್ಬದ ಹುಲಿವೇಷ ಕಂಡ ಹುಡುಗ ಅಮಾಸ ತಾನೂ ಹುಲಿಯಾಗಿ ಕುಣಿಯುತ್ತಾನೆ. ಇಲ್ಲಿ ಪ್ರಾಣಿ ಯಾರೋ ಹಣೆಗೆ ಅಂಟಿಸಿದ ವಿಶೇಷಣವಲ್ಲ. ತಾನೇ ಆರಿಸಿ ಮೈಗೆ ಬಳಿದುಕೊಂಡ ಬಣ್ಣ. ಬೇಡವೆಂದಾಗ ತೊಳೆದುಕೊಳ್ಳಬಹುದು. ಕುರಿಯಯ್ಯನಿಗೆ ಆ ಅನುಕೂಲವಿರಲಿಲ್ಲ.

5

ಇಷ್ಟು ಹೇಳಿದ ಮೇಲೆ ಒಂದು ಆಕ್ಷೇಪವನ್ನು ಎದುರಿಸಬೇಕು. ದಲಿತರೇ ‘ನಮ್ಮನ್ನು ನಾಯಿಗಿಂತ ಕಡೆಯಾಗಿ ಕಂಡರು’, ‘ದನದ ಹಾಗೆ ದುಡಿಸಿದರು’ ಎನ್ನುವುದಿಲ್ಲವೆ? ಅನ್ನುತ್ತಾರೆ. ಆದರೆ ಆ ವಾಕ್ಯಗಳ ಕಟ್ಟಡ ಬೇರೆ. ‘ದನದಂಥ ಜನ’ ಎಂದಾಗ ಹೋಲಿಕೆ ಹೋಗಿ ನಾಮಪದಕ್ಕೆ ಅಂಟುತ್ತದೆ. ಆ ಜನ ಇರುವುದೇ ಹಾಗೆ ಎಂದಾಗುತ್ತದೆ. ‘ದನದ ಹಾಗೆ ದುಡಿಸಿದರು’ ಎಂದಾಗ ಹೋಲಿಕೆ ಕ್ರಿಯಾಪದಕ್ಕೆ ಸೇರುತ್ತದೆ. ದುಡಿಸಿದವನೊಬ್ಬ ಬೇಕಾಗುತ್ತಾನೆ. ವಿಶೇಷಣ ಕರ್ತೃವನ್ನು ಬಚ್ಚಿಡುತ್ತದೆ, ಕ್ರಿಯಾವಿಶೇಷಣ ಅವನನ್ನು ಹೊರಗೆಳೆಯುತ್ತದೆ.

1927ರಲ್ಲಿ ಮಹಾಡ್‌ನ ಚೌದಾರ್ ಕೆರೆಯ ನೀರು ಮುಟ್ಟಿದ ಸತ್ಯಾಗ್ರಹದ ಹಿಂದಿದ್ದ ತರ್ಕ ಇದೇ. ಪ್ರಾಣಿಗಳು ಬಾಯಿಟ್ಟರೆ ಮೈಲಿಗೆಯಾಗದ ನೀರು ಮನುಷ್ಯ ಮುಟ್ಟಿದರೆ ಹೇಗೆ ಮೈಲಿಗೆಯಾಗುತ್ತದೆ? ಇಲ್ಲಿ ಪ್ರಾಣಿ ಅವಮಾನದ ಗುರುತಲ್ಲ, ಅಳತೆಗೋಲು. ಅಳತೆಗೆ ಸಿಕ್ಕುವುದು ಕೆರೆಗೆ ಕಾವಲು ನಿಂತವರ ಧರ್ಮ. ಸಿದ್ಧಲಿಂಗಯ್ಯನವರ ‘ಊರುಕೇರಿ’ಯ ಆರಂಭದಲ್ಲಿ ಮನುಷ್ಯರ ಹೆಗಲಿಗೆ ನೊಗ ಹೂಡಿ ಉಳುತ್ತಿರುವ ದೃಶ್ಯವಿದೆ, ನೊಗ ಹೊತ್ತವರಲ್ಲಿ ಒಬ್ಬ ಹುಡುಗನ ಅಪ್ಪ. ಓದುವವನ ಎದೆಗೆ ನಾಟುವುದು ನೊಗ ಮತ್ತು ಹೆಗಲು. ‘ಮೃಗೀಯ’ ಎಂಬ ಪದವನ್ನು ಅಲ್ಲಿ ಯಾರಾದರೂ ತಂದಿಟ್ಟರೆ ಆ ನೊಗವೇ ಮರೆಯಾಗುತ್ತದೆ.

ಕೊನೆಯದಾಗಿ ಬೂಸಾ. 1973ರ ನವೆಂಬರಿನಲ್ಲಿ ಮೈಸೂರಿನಲ್ಲಿ ಸಚಿವ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಹೆಚ್ಚಿನದು ಬೂಸಾ ಎಂದದ್ದಕ್ಕೆ ರಾಜ್ಯವೇ ಹೊತ್ತಿ ಉರಿಯಿತು. ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು, ಅವರು ಸಚಿವಸ್ಥಾನ ಬಿಡಬೇಕಾಯಿತು. ಜನರನ್ನು ದನವೆಂದು ತಲೆತಲಾಂತರದಿಂದ ಕರೆದಾಗ ನೋಯದ ಮನಸ್ಸುಗಳು ಪುಸ್ತಕಗಳನ್ನು ದನದ ಮೇವೆಂದಾಗ ಕೆರಳಿದವು. ಈ ಪ್ರಸಂಗವನ್ನು ಒಮ್ಮೆ ನನ್ನ ಅಜ್ಜಿಗೆ ವಿವರಿಸಿದೆ. ಅವಳಿಗೆ ಬೈಗುಳ ಎಲ್ಲಿದೆಯೆಂದೇ ತಿಳಿಯಲಿಲ್ಲ. “ಬೂಸ ತಿಂದ್ರೆ ದನ ಹಾಲಾರೂ ಕೊಡ್ತದೆ ಕನ ಮಗ, ಅದ್ಯಾಕೆ ಆಪಾಟಿ ಸಿಟ್ಟಾದ್ರು?” ಎಂದಳು. ಪ್ರಾಣಿಯೊಂದಿಗೆ ಬದುಕಿದವಳಿಗೆ ಪ್ರಾಣಿಯ ಹೋಲಿಕೆ ಅವಮಾನವಲ್ಲ. ಅವಮಾನವಿರುವುದು ಹೋಲಿಸುವವನು ಕೂತಿರುವ ಜಾಗದಲ್ಲಿ.

ದಲಿತ ವಿಮರ್ಶೆ ‘ಮೃಗೀಯ’ ಪದವನ್ನು ನಿಷೇಧಿಸಬೇಕೆಂದು ನಾನು ಕೇಳುತ್ತಿಲ್ಲ. ಪದ ಕಂಡಲ್ಲಿ ನಿಂತು ಹುಡುಗ ಕೇಳಿದ್ದನ್ನು ಕೇಳಿದರೆ ಸಾಕು: ಮೃಗ ಯಾರು, ಹಾಗೆ ಕರೆದವರು ಯಾರು, ಹಗ್ಗ ಯಾರ ಕೈಲಿದೆ?

ಆ ಹುಡುಗನಿಗೆ ನಾನು ಕೊನೆಗೆ ಹೇಳಿದ್ದು ಇಷ್ಟೇ. ನಿನ್ನ ವಾಕ್ಯದಲ್ಲಿ ‘ಮೃಗೀಯವಾಗಿ’ ಅನ್ನೋದನ್ನ ತೆಗಿ, ‘ಲಾಯಿತು’ ಅನ್ನೋದನ್ನೂ ತೆಗಿ. ಯಾರು, ಯಾರಿಗೆ, ಏನು ಮಾಡಿದರು ಅಂತ ಬರಿ. ಎರಡು ದಿನ ಬಿಟ್ಟು ಹೊಸ ಹಾಳೆ ತಂದುಕೊಟ್ಟ. ಒಂದು ಸಾಲು ಇದ್ದದ್ದು ಒಂದೂವರೆ ಪುಟವಾಗಿತ್ತು. ಹುಡುಕಿದೆ, ಒಂದು ವಿಶೇಷಣವೂ ಇರಲಿಲ್ಲ. ಕೆಳಗೆ ಗೆರೆ ಎಳೆಯಲು ನನಗೆ ಜಾಗ ಸಿಕ್ಕಲಿಲ್ಲ.