ಹಿರಣ್ಯಕಶಿಪುವಿನ ವಂಶ ಮತ್ತು ಅಸುರತ್ವದ ನೈತಿಕ ಅರ್ಥ

ಪುರಾಣಗಳ ದೇವಾಸುರ ಸಂಘರ್ಷವನ್ನು ಒಳಿತು ಕೆಡುಕುಗಳ ಹೋರಾಟವೆಂದು ವಿವರಿಸುವುದು ರೂಢಿಯಾಗಿದೆ. ಹರಿಕಥೆಯ ವೇದಿಕೆಯಿಂದ ಶಾಲಾ ಪಠ್ಯದವರೆಗೆ ಈ ವಿವರಣೆ ಬಹುಮಟ್ಟಿಗೆ ಪ್ರಶ್ನಾತೀತವಾಗಿ ಸಾಗಿಬಂದಿದೆ. ಇದಕ್ಕೆ ಪ್ರತಿಯಾಗಿ, ಅಸುರರೆಂದರೆ ಸೋತ ನೆಲದ ಮಕ್ಕಳು, ದೇವತೆಗಳೆಂದರೆ ಗೆದ್ದ ಆಕ್ರಮಣಕಾರರು ಎಂಬ ಇನ್ನೊಂದು ಓದು ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಿಂದ ಬಲವಾಗಿ ಬೆಳೆದಿದೆ. ಎರಡೂ ಓದುಗಳು ಪರಸ್ಪರ ವಿರುದ್ಧವೆಂದು ತೋರಿದರೂ ಅವುಗಳ ಒಳರಚನೆ ಒಂದೇ: ನೀತಿಯು ಕುಲದಲ್ಲಿ ನೆಲೆಸಿದೆ, ಯಾವ ಪಕ್ಷದಲ್ಲಿ ಹುಟ್ಟಿದನೆಂಬುದೇ ಪಾತ್ರದ ಯೋಗ್ಯತೆಯನ್ನು ನಿರ್ಧರಿಸುತ್ತದೆ ಎಂಬ ಗ್ರಹಿಕೆ. ಈ ಗ್ರಹಿಕೆಗೆ ಮೂಲಪಠ್ಯಗಳ ಸಮ್ಮತಿ ಎಷ್ಟರಮಟ್ಟಿಗೆ ಇದೆಯೆಂಬುದನ್ನು ಪರೀಕ್ಷಿಸಲು ಒಂದೇ ಅಸುರ ಮನೆತನದ ನಾಲ್ಕು ತಲೆಮಾರುಗಳು ಸಾಕು. ಹಿರಣ್ಯಕಶಿಪು, ಅವನ ಮಗ ಪ್ರಹ್ಲಾದ, ಮೊಮ್ಮಗ ವಿರೋಚನ, ಮರಿಮಗ ಬಲಿ: ಒಂದೇ ರಕ್ತದ ಈ ನಾಲ್ವರು ನೈತಿಕವಾಗಿ ನಾಲ್ಕು ಬೇರೆ ನೆಲೆಗಳಲ್ಲಿ ನಿಂತಿದ್ದಾರೆ.

ಮೊದಲು ಪದದ ವಿಚಾರ. ಋಗ್ವೇದದ ಪ್ರಾಚೀನ ಭಾಗಗಳಲ್ಲಿ 'ಅಸುರ' ಎಂಬುದು ನಿಂದೆಯ ಮಾತಲ್ಲ. ವರುಣ, ಮಿತ್ರ, ಅಗ್ನಿ, ಸವಿತೃ, ಇಂದ್ರ ಮೊದಲಾದವರಿಗೇ ಅದು ವಿಶೇಷಣವಾಗಿ ಬರುತ್ತದೆ. 'ಅಸು' ಎಂದರೆ ಪ್ರಾಣಶಕ್ತಿ, ಅದುಳ್ಳವನು ಅಸುರ. ಇರಾನಿನ ಅವೆಸ್ತಾದಲ್ಲಿ ಇದೇ ಪದ 'ಅಹುರ'ವಾಗಿ ಪರಮದೈವವನ್ನು ಸೂಚಿಸುತ್ತದೆ, 'ದೇವ'ಕ್ಕೆ ಸಮನಾದ 'ದಏವ' ಅಲ್ಲಿ ದುಷ್ಟಶಕ್ತಿಯಾಗಿದೆ. ಮುಂದೆ ಪದದ ಮೊದಲ ಅಕಾರವನ್ನು ನಿಷೇಧಾರ್ಥಕವೆಂದು ಭ್ರಮಿಸಿ 'ಸುರರಲ್ಲದವರು' ಎಂಬ ಅರ್ಥವನ್ನು ಕಟ್ಟಲಾಯಿತು. 'ಸುರ' ಎಂಬ ಪದವೇ ಹೀಗೆ ಒಡೆದುದರಿಂದ ಹುಟ್ಟಿತು. ದೈತ್ಯ, ದಾನವ, ರಾಕ್ಷಸ ಎಂಬ ಮಾತುಗಳು ಕನ್ನಡದ ಬಳಕೆಯಲ್ಲಿ ಒಂದರೊಡನೊಂದು ಬೆರೆತುಹೋಗಿವೆಯಾದರೂ ಪುರಾಣಗಳ ವಂಶಾವಳಿ ಅವುಗಳನ್ನು ಬೇರ್ಪಡಿಸುತ್ತದೆ. ದಿತಿಯ ಮಕ್ಕಳು ದೈತ್ಯರು, ದನುವಿನ ಮಕ್ಕಳು ದಾನವರು, ಅದಿತಿಯ ಮಕ್ಕಳು ಆದಿತ್ಯರು. ಮೂವರಿಗೂ ತಂದೆ ಕಶ್ಯಪನೇ. ಅಂದಮೇಲೆ ಇದು ದಾಯಾದಿಗಳ ಕಲಹ. ಬೆಳಕು ಕತ್ತಲೆಗಳ ಅನಾದಿ ವೈರವಲ್ಲ.

ಬ್ರಾಹ್ಮಣ ಗ್ರಂಥಗಳು ಇದನ್ನು ಇನ್ನೂ ನಿಚ್ಚಳವಾಗಿ ಹೇಳುತ್ತವೆ. ದೇವತೆಗಳೂ ಅಸುರರೂ ಪ್ರಜಾಪತಿಯ ಮಕ್ಕಳೇ, ಅವರು ಪರಸ್ಪರ ಸ್ಪರ್ಧಿಸಿದರು ಎಂಬ ಪ್ರಸ್ತಾವನೆ ಅಲ್ಲಿ ಮತ್ತೆ ಮತ್ತೆ ಬರುತ್ತದೆ. ಶತಪಥ ಬ್ರಾಹ್ಮಣದ ಒಂದು ಆಖ್ಯಾನದಲ್ಲಿ ಅಸುರರು ಅತಿಮಾನದಿಂದ ಹವಿಸ್ಸನ್ನು ತಮ್ಮ ಬಾಯಿಗೇ ಹಾಕಿಕೊಂಡು ಸೋಲುತ್ತಾರೆ. ದೇವತೆಗಳು ಒಬ್ಬರು ಇನ್ನೊಬ್ಬರಿಗೆ ಅರ್ಪಿಸಿ ಗೆಲ್ಲುತ್ತಾರೆ. ಅದೇ ಗ್ರಂಥದ ಇನ್ನೊಂದು ಕಥೆ ಹೆಚ್ಚು ಸೂಕ್ಷ್ಮವಾದುದು. ಇಬ್ಬರಿಗೂ ತಂದೆಯಿಂದ ಸತ್ಯವೂ ಅನೃತವೂ ಸಮನಾಗಿ ಬಂದಿತ್ತು. ದೇವತೆಗಳು ಅನೃತವನ್ನು ಬಿಟ್ಟರು, ಅಸುರರು ಸತ್ಯವನ್ನು ಬಿಟ್ಟರು. ಪರಿಣಾಮವಾಗಿ ಸತ್ಯ ಹಿಡಿದ ದೇವತೆಗಳು ಮೊದಲು ಬಡವಾದರು, ಅಸುರರು ಸಮೃದ್ಧರಾದರು. ಫಲ ತಿರುಗಿದ್ದು ಕೊನೆಗೆ. ಇಲ್ಲಿ ದೇವತ್ವವೂ ಅಸುರತ್ವವೂ ಜನ್ಮದಿಂದ ಬಂದವಲ್ಲ, ಆಯ್ಕೆಯಿಂದ ಬಂದವು. ಆಯ್ಕೆಗೆ ತಕ್ಷಣದ ಪ್ರತಿಫಲವಿಲ್ಲವೆಂಬ ಕಟುಸತ್ಯವನ್ನು ಮರೆಮಾಚದಿರುವುದು ಈ ಕಥೆಯ ಹಿರಿಮೆ. ಭಗವದ್ಗೀತೆಯ ಹದಿನಾರನೆಯ ಅಧ್ಯಾಯವು ದೈವೀ ಮತ್ತು ಆಸುರೀ ಸಂಪತ್ತುಗಳನ್ನು ಮನುಷ್ಯಸ್ವಭಾವದ ಲಕ್ಷಣಗಳಾಗಿ ಪಟ್ಟಿಮಾಡುವುದು ಇದೇ ಜಾಡಿನಲ್ಲಿ. ಆದರೆ ಅರ್ಜುನನು ದೈವೀ ಸಂಪತ್ತಿಗಾಗಿಯೇ ಹುಟ್ಟಿದವನು ಎಂದು ಸಮಾಧಾನ ಹೇಳುವಾಗ ಗೀತೆಯೂ ಹುಟ್ಟಿನ ಪರಿಭಾಷೆಗೆ ಮರಳುತ್ತದೆ. ವ್ಯಾಖ್ಯಾನಕಾರರು ಇದನ್ನು ಪೂರ್ವಕರ್ಮದ ನೆಲೆಯಿಂದ ಬಿಡಿಸಿದರೂ ತೊಡಕು ಪೂರ್ತಿ ಬಿಡುವುದಿಲ್ಲ.

ಹಿರಣ್ಯಕಶಿಪುವಿನ ವಿಚಾರದಲ್ಲಿ ಹೆಚ್ಚು ಹೇಳಬೇಕಾದುದಿಲ್ಲ. ವರದ ಭಾಷೆಯನ್ನು ಬಿಗಿಯಾಗಿ ಹೆಣೆದು ಸಾವನ್ನು ಗೆದ್ದೆನೆಂದುಕೊಂಡ ಅವನು ಶತಪಥ ಹೇಳುವ ಅತಿಮಾನದ ಮೂರ್ತರೂಪ. ಅವನ ಮೊಮ್ಮಗ ವಿರೋಚನನದು ಬೇರೊಂದು ಬಗೆಯ ಸೋಲು. ಛಾಂದೋಗ್ಯೋಪನಿಷತ್ತಿನಲ್ಲಿ ಇಂದ್ರ ವಿರೋಚನರಿಬ್ಬರೂ ಆತ್ಮವಿದ್ಯೆಗಾಗಿ ಪ್ರಜಾಪತಿಯ ಬಳಿ 32 ವರ್ಷ ವಾಸಮಾಡುತ್ತಾರೆ. ನೀರಿನಲ್ಲಿ ಕಂಡ ಪ್ರತಿಬಿಂಬವೇ ಆತ್ಮವೆಂಬ ಉತ್ತರದಿಂದ ಇಬ್ಬರೂ ತೃಪ್ತರಾಗಿಯೇ ಹೊರಡುತ್ತಾರೆ. ಇಂದ್ರನಿಗೆ ದಾರಿಯಲ್ಲಿ ಸಂಶಯ ಹುಟ್ಟಿ ಹಿಂದಿರುಗುತ್ತಾನೆ, ಒಟ್ಟು 101 ವರ್ಷ ಕಾಯುತ್ತಾನೆ, ವಿರೋಚನ ಹಿಂದಿರುಗುವುದಿಲ್ಲ. ಇವನಲ್ಲಿ ಕ್ರೌರ್ಯವಿಲ್ಲ, ವಂಚನೆಯಿಲ್ಲ. ಸಂಶಯಪಡಲಾರದ ತೃಪ್ತಿಯೊಂದೇ ಅವನ ಅಸುರತ್ವ. ದಾನವಿಲ್ಲದ, ಶ್ರದ್ಧೆಯಿಲ್ಲದ, ಯಜ್ಞವಿಲ್ಲದ ಮನುಷ್ಯನನ್ನು ಇಂದಿಗೂ ಅಸುರನೆನ್ನುತ್ತಾರೆಂದು ಉಪನಿಷತ್ತು ಅಲ್ಲಿಯೇ ಸೇರಿಸುವುದು ಗಮನಾರ್ಹ; ಪದವು ಆಗಲೇ ಮನುಷ್ಯರಿಗೆ ಅನ್ವಯವಾಗಿಬಿಟ್ಟಿದೆ. ದಾನವನ್ನೇ ಅಸುರತ್ವದ ಒರೆಗಲ್ಲಾಗಿಸಿದ ಈ ಮಾತಿನ ಪ್ರಕಾರ ವಿರೋಚನನ ಮಗ ಬಲಿ ಅಸುರನೇ ಅಲ್ಲ!

ಪ್ರಹ್ಲಾದನನ್ನು ಭಾಗವತದ ಏಳನೆಯ ಸ್ಕಂಧದ ಭಕ್ತಬಾಲಕನಾಗಿ ಮಾತ್ರ ನೆನೆಯುವ ಅಭ್ಯಾಸದಿಂದ ಮಹಾಭಾರತದ ಪ್ರೌಢ ಪ್ರಹ್ಲಾದ ಮರೆಯಾಗಿದ್ದಾನೆ. ಉದ್ಯೋಗಪರ್ವದಲ್ಲಿ ವಿದುರನು ಧೃತರಾಷ್ಟ್ರನಿಗೆ ಹೇಳುವ ಕಥೆಯಂತೆ, ಕೇಶಿನಿಯ ನಿಮಿತ್ತವಾಗಿ ವಿರೋಚನನಿಗೂ ಆಂಗಿರಸನ ಮಗ ಸುಧನ್ವನಿಗೂ ಶ್ರೇಷ್ಠತೆಯ ವಾದ ಹತ್ತುತ್ತದೆ. ಪಣ ಪ್ರಾಣ. ತೀರ್ಪು ಕೊಡಬೇಕಾದವನು ಪ್ರಹ್ಲಾದ. ಅವನು ಮಗನ ವಿರುದ್ಧ ತೀರ್ಪು ಕೊಡುತ್ತಾನೆ. ಆ ಸತ್ಯಕ್ಕೆ ಮೆಚ್ಚಿದ ಸುಧನ್ವ ವಿರೋಚನನ ಜೀವವನ್ನು ಮರಳಿಸುತ್ತಾನೆ. ಪುತ್ರವ್ಯಾಮೋಹದಿಂದ ರಾಜ್ಯವನ್ನೇ ಕೆಡಿಸುತ್ತಿರುವ ಕುರುರಾಜನಿಗೆ ಆದರ್ಶವಾಗಿ ತೋರಿಸಲು ವಿದುರನಿಗೆ ಸಿಕ್ಕವನು ಒಬ್ಬ ಅಸುರ ತಂದೆ. ಶಾಂತಿಪರ್ವದಲ್ಲಿ ಇದೇ ಪ್ರಹ್ಲಾದ ಮೂರು ಲೋಕಗಳನ್ನು ಶೀಲದಿಂದಲೇ ಗೆದ್ದಿದ್ದಾನೆ. ಇಂದ್ರ ಬ್ರಾಹ್ಮಣವೇಷದಿಂದ ಶಿಷ್ಯನಾಗಿ ಸೇರಿ, ಗುರು ಮೆಚ್ಚಿ ವರ ಕೊಟ್ಟಾಗ ಆ ಶೀಲವನ್ನೇ ಬೇಡುತ್ತಾನೆ. ಕೊಟ್ಟ ಮಾತಿಗೆ ಪ್ರಹ್ಲಾದ ತಪ್ಪುವುದಿಲ್ಲ. ಶೀಲ ಅವನ ದೇಹವನ್ನು ಬಿಟ್ಟು ಹೊರಡುತ್ತದೆ. ಅದರ ಹಿಂದೆ ಧರ್ಮ, ಸತ್ಯ, ವೃತ್ತ, ಬಲ, ಕೊನೆಗೆ ಶ್ರೀ. ಕಥೆಯ ಪ್ರಕಟ ಉದ್ದೇಶ ಶೀಲದ ಮಹಿಮೆ. ಆದರೆ ಶೀಲವನ್ನು ಕಪಟದಿಂದ ಪಡೆದವನ ಶೀಲ ಯಾವ ಬಗೆಯದು ಎಂಬ ಪ್ರಶ್ನೆಯನ್ನು ಅದು ಎತ್ತದೆಯೇ ಉಳಿಸುತ್ತದೆ.

ಈ ಪ್ರಶ್ನೆ ಪೂರ್ಣಪ್ರಮಾಣದಲ್ಲಿ ತಲೆಯೆತ್ತುವುದು ಬಲಿಯ ಕಥೆಯಲ್ಲಿ. ಋಗ್ವೇದದ ವಿಷ್ಣು ಮೂರು ಹೆಜ್ಜೆಗಳಿಂದ ಲೋಕವನ್ನು ಅಳೆಯುತ್ತಾನೆ. ಬಲಿಯ ಹೆಸರು ಅಲ್ಲಿಲ್ಲ. ಶತಪಥದಲ್ಲಿ ವಾಮನನಿದ್ದಾನೆ, ಅವನು ಮಲಗಿದಷ್ಟು ನೆಲವನ್ನು ಕೊಡುತ್ತೇವೆಂದ ಅಸುರರಿದ್ದಾರೆ, ಆದರೆ ದಾನಿಯಾದ ಒಬ್ಬ ರಾಜನಿಲ್ಲ. ಆಖ್ಯಾನಕ್ಕೆ ದಾನಿ ಬಂದು ಸೇರಿದಾಗ ಅದರ ನೈತಿಕ ಭಾರವೇ ಬದಲಾಯಿತು. ಗುಂಪನ್ನು ಜಾಣ್ಮೆಯಿಂದ ಗೆದ್ದರೆ ಅದು ವಿಜಯಗಾಥೆ. ಕೈಯೆತ್ತಿ ಧಾರೆಯೆರೆಯುತ್ತಿರುವವನನ್ನು ತುಳಿದರೆ ಕಥೆ ತನ್ನ ದೇವರ ಪರವಾಗಿ ಸಮಜಾಯಿಷಿ ಕೊಡಬೇಕಾಗುತ್ತದೆ.

ಭಾಗವತದ ಎಂಟನೆಯ ಸ್ಕಂಧ ಆ ಸಮಜಾಯಿಷಿಯ ಅತ್ಯಂತ ಪ್ರಾಮಾಣಿಕ ಪ್ರಯತ್ನ. ವಟುವಿನ ನಿಜಸ್ವರೂಪವನ್ನು ಶುಕ್ರಾಚಾರ್ಯ ಬಲಿಗೆ ಮೊದಲೇ ತಿಳಿಸುತ್ತಾನೆ. ಜೀವನೋಪಾಯಕ್ಕೆ, ಪ್ರಾಣಸಂಕಟಕ್ಕೆ ಒದಗುವ ಸುಳ್ಳು ನಿಂದ್ಯವಲ್ಲವೆಂದು ಶಾಸ್ತ್ರವನ್ನೂ ಒದಗಿಸುತ್ತಾನೆ. ಬಲಿ ಗುರುವಿನ ಶಾಪವನ್ನು ಹೊರುತ್ತಾನೆಯೇ ಹೊರತು ಮಾತು ಹಿಂತೆಗೆಯುವುದಿಲ್ಲ. ವಂಚನೆ ಇಲ್ಲಿ ಅರ್ಧಕ್ಕೆ ಇಳಿಯಿತು, ಏಕೆಂದರೆ ವಂಚಿತನು ತಿಳಿದೇ ಕೊಟ್ಟಿದ್ದಾನೆ. ವರುಣಪಾಶದಿಂದ ಕಟ್ಟಿಸಿಕೊಂಡು ನಿಂತ ಅವನ ಪರವಾಗಿ ಮಡದಿ ವಿಂಧ್ಯಾವಳಿ, ಅಜ್ಜ ಪ್ರಹ್ಲಾದ, ಕೊನೆಗೆ ಬ್ರಹ್ಮನೂ ಮಾತನಾಡುತ್ತಾರೆ. ಸರ್ವಸ್ವವನ್ನೂ ಕೊಟ್ಟವನು ಶಿಕ್ಷೆಗೆ ಅರ್ಹನಲ್ಲವೆಂಬುದು ಬ್ರಹ್ಮನ ಬಿನ್ನಹದ ತಿರುಳು. ಯಾರನ್ನು ಅನುಗ್ರಹಿಸುವೆನೋ ಅವರ ಸಂಪತ್ತನ್ನು ಕಳೆಯುವೆನೆಂಬುದು ವಿಷ್ಣುವಿನ ಉತ್ತರ. ಬಲಿಗೆ ಸುತಲ, ಮುಂದಿನ ಸಾವರ್ಣಿ ಮನ್ವಂತರದಲ್ಲಿ ಇಂದ್ರಪದವಿ, ಬಾಗಿಲ ಕಾವಲಿಗೆ ಸ್ವತಃ ವಿಷ್ಣುವೇ. ಭಕ್ತಿಶಾಸ್ತ್ರದ ದೃಷ್ಟಿಯಿಂದ ಇದು ಸುಸಂಗತವಾದ ಸಮಾಧಾನ. ನೀತಿಯ ದೃಷ್ಟಿಯಿಂದ ಅಪೂರ್ಣ. ಸಂಪತ್ತನ್ನು ಕಳೆಯುವುದೇ ಅನುಗ್ರಹವಾದರೆ ಅದೇ ಸಂಪತ್ತನ್ನು ಮರಳಿ ಪಡೆದ ಇಂದ್ರನ ಪಾಲಿಗೆ ಬಂದುದೇನು? ಭಾಗವತ ಇದಕ್ಕೆ ನೇರವಾಗಿ ಉತ್ತರಿಸುವುದಿಲ್ಲ.

ಶಾಂತಿಪರ್ವದ ಬಲಿ ಇನ್ನೂ ನಿಷ್ಠುರ. ಅಲ್ಲಿ ಭಕ್ತಿಯ ಸಾಂತ್ವನವಿಲ್ಲ. ರಾಜ್ಯ ಕಳೆದುಕೊಂಡ ಬಲಿ ಕತ್ತೆಯ ರೂಪದಲ್ಲಿ ಪಾಳುಮನೆಯೊಂದರಲ್ಲಿ ಹೊಟ್ಟು ಮೇಯುತ್ತಿದ್ದಾನೆ. ಐರಾವತವನ್ನೇರಿ ಬಂದ ಇಂದ್ರ ಹಂಗಿಸುತ್ತಾನೆ. ಬಲಿಗೆ ನಾಚಿಕೆಯಿಲ್ಲ, ದುಃಖವೂ ಇಲ್ಲ. ಕಾಲವೇ ಕರ್ತೃ, ಸಾವಿರಾರು ಇಂದ್ರರು ಆಗಿಹೋಗಿದ್ದಾರೆ, ನಿನ್ನದೂ ಶಾಶ್ವತವಲ್ಲ ಎಂದು ಅವನೇ ಇಂದ್ರನಿಗೆ ಉಪದೇಶಿಸುತ್ತಾನೆ. ಗೆದ್ದವನು ಅಲ್ಲಿ ಕೇಳುಗನಾಗಿದ್ದಾನೆ.

ಪುರಾಣದ ಹೊರಗೆ ಬಲಿಯ ಸ್ಥಾನ ಏಕರೂಪವಾಗಿಲ್ಲ. ಜೈನರ ಒಂಬತ್ತು ಪ್ರತಿವಾಸುದೇವರ ಸಾಲಿನಲ್ಲಿ ರಾವಣ ಜರಾಸಂಧರೊಡನೆ ಬಲಿ ಪ್ರಹ್ಲಾದರ ಹೆಸರುಗಳೂ ಇವೆ. ವಿಷ್ಣುಕುಮಾರ ಮುನಿಯ ಕಥೆಯಲ್ಲಂತೂ ಬಲಿ ಮುನಿಗಳನ್ನು ಹಿಂಸಿಸಿದ ಮಂತ್ರಿ. ಜ್ಯೋತಿಬಾ ಫುಲೆ 1873ರ 'ಗುಲಾಮಗಿರಿ'ಯಲ್ಲಿ ಬಲಿಯನ್ನು ರೈತಾಪಿ ಜನರ ನ್ಯಾಯವಂತ ರಾಜನಾಗಿ ಪುನಃಸ್ಥಾಪಿಸಿದರು. ಇತಿಹಾಸವಾಗಿ ಆ ವಾದಕ್ಕೆ ಆಧಾರ ತೆಳುವಾದುದು. ಆದರೆ ಪಠ್ಯದೊಳಗಿನ ನೈತಿಕ ಅಸಮಾಧಾನವನ್ನು ಗುರುತಿಸುವುದರಲ್ಲಿ ಫುಲೆ ಅನೇಕ ಪಂಡಿತರಿಗಿಂತ ಮುಂದಿದ್ದರು. ಶಿಷ್ಟ ವ್ಯಾಖ್ಯಾನವು ಬಲಿಯ ಬಂಧನಕ್ಕೆ ಅವನ ದಾನಗರ್ವವೇ ಕಾರಣವೆಂದು ಹೇಳಿ ಮುಗಿಸುತ್ತದೆ. ತಪ್ಪು ಹುಡುಕಿ ಶಿಕ್ಷೆಗೆ ಸಮರ್ಥನೆ ಒದಗಿಸುವ ಈ ವಿಧಾನಕ್ಕಿಂತ ಸಮರ್ಥನೆ ಸಾಲದೆಂಬ ಫುಲೆಯವರ ನಿಲುವು ಮೂಲದ ಆತಂಕಕ್ಕೆ ಹತ್ತಿರವಾಗಿದೆ.

ಕರ್ನಾಟಕದ ಸಾಕ್ಷ್ಯ ಈ ಆತಂಕವನ್ನು ಎರಡು ಕಡೆಗಳಿಂದಲೂ ಹಿಡಿದಿದೆ. ಬಾದಾಮಿಯ ಮೂರನೆಯ ಗುಹೆ ಶಕ 500ರಲ್ಲಿ, ಅಂದರೆ ಕ್ರಿ.ಶ. 578ರಲ್ಲಿ, ಮಂಗಲೇಶನ ಶಾಸನದೊಡನೆ ಸಿದ್ಧವಾಯಿತು. ಅಲ್ಲಿಯ ತ್ರಿವಿಕ್ರಮನ ಎತ್ತಿದ ಕಾಲು ಶಿಲಾಫಲಕವನ್ನೇ ಅಡ್ಡಹಾಯ್ದಿದೆ. ವಿಷ್ಣುವಿನ ಪಾದಕ್ಕೆ ತಮ್ಮನ್ನು ಅರ್ಪಿಸಿಕೊಂಡ ಚಾಲುಕ್ಯ ಅರಸರಿಗೆ ಲೋಕವನ್ನಳೆದ ಆ ಹೆಜ್ಜೆ ರಾಜ್ಯವಿಸ್ತಾರದ ಪ್ರತಿಮೆಯೂ ಆಗಿದ್ದಿರಬೇಕು. ರೈತಾಪಿ ಮನೆಗಳ ದೀಪಾವಳಿಯಲ್ಲಿ ಬೇರೆಯೇ ಚಿತ್ರವಿದೆ. ಕಾರ್ತಿಕ ಶುದ್ಧ ಪಾಡ್ಯ ಬಲಿಪಾಡ್ಯಮಿ. ಪೂಜೆ ಅಳೆದವನಿಗಲ್ಲ, ಅಳತೆಗೆ ತಲೆಯೊಡ್ಡಿದವನಿಗೆ. ತುಳುನಾಡಿನಲ್ಲಿ ಅವನು ಬಲಿಯೇಂದ್ರ. ವರ್ಷಕ್ಕೊಮ್ಮೆ ತನ್ನ ನೆಲ ನೋಡಲು ಬರುವ ಅರಸನಿಗೆ ಅಂಗಳದಲ್ಲಿಯೂ ಗದ್ದೆಯ ಬದುವಿನಲ್ಲಿಯೂ ದೀಪವಿಟ್ಟು ಕೂಗಿ ಕರೆಯುತ್ತಾರೆ. ಅದೇ ಮನೆಗಳವರು ಮರುದಿನ ವಿಷ್ಣುವಿನ ಗುಡಿಗೂ ಹೋಗುತ್ತಾರೆ. ಎರಡರ ನಡುವೆ ಆಯ್ದುಕೊಳ್ಳಬೇಕೆಂದು ಅವರನ್ನು ಯಾರೂ ಕೇಳಿಲ್ಲ.